ಆಂಕೋರ್ ವಾಟ್ ನೋಡಿ ಆಯ್ತಾ? ಇನ್ನೊಂದು ದಿನ ಇಟ್ಟುಕೊಳ್ಳಿ, ಕೊಹ್ ಕೇರ್‌ಗೆ ಹೋಗೋಣ

[ದೃಶ್ಯ: ಕೆಂಪು ಮಣ್ಣಿನ ದಾರಿ, ಎರಡೂ ಕಡೆ ಕಾಡು. ದೂರದಲ್ಲಿ ಮರಗಳ ಮೇಲೆ ತಲೆ ಎತ್ತಿದ ಕಲ್ಲಿನ ಪಿರಮಿಡ್.]

ನಮಸ್ಕಾರ. ಕಾಂಬೋಡಿಯಾಕ್ಕೆ ಹೋಗುವ ನಮ್ಮವರ ಪ್ರವಾಸ ಹೆಚ್ಚುಕಡಿಮೆ ಹೀಗಿರುತ್ತದೆ. ಸಿಯೆಮ್ ರೀಪ್‌ನಲ್ಲಿ ಇಳಿಯುತ್ತಾರೆ. ಆಂಕೋರ್ ವಾಟ್‌ನಲ್ಲಿ ಸೂರ್ಯೋದಯ, ಬಾಯೋನ್‌ನ ದೊಡ್ಡ ಮುಖಗಳ ಮುಂದೆ ಫೋಟೋ, ತಾ ಪ್ರೋಮ್‌ನ ಬೇರುಗಳ ಮುಂದೆ ಇನ್ನೊಂದು ಫೋಟೋ. ಆಮೇಲೆ ವಾಪಸ್. ಈ ಮೂರೂ ನೋಡಲೇಬೇಕಾದ ಜಾಗಗಳೇ. ಆದರೆ ಇನ್ನೊಂದು ದಿನ ಹೊಂದಿಸಿಕೊಳ್ಳಿ ಅನ್ನುವುದು ನನ್ನ ಕಳಕಳಿಯ ಮಾತು. ಅಲ್ಲಿಂದ ಸುಮಾರು 120 ಕಿಲೋಮೀಟರ್ ದೂರದಲ್ಲಿ ಕೊಹ್ ಕೇರ್ ಇದೆ. ಮಹಾಭಾರತ ಕೇಳಿ ಬೆಳೆದ ಕನ್ನಡಿಗರು ಅಲ್ಲಿಗೆ ಹೋಗದೆ ವಾಪಸ್ ಬಂದರೆ ನನಗೆ ನಿಜವಾಗಿಯೂ ಬೇಜಾರಾಗುತ್ತದೆ. ಯಾಕೆ ಅಂತ ಈ ವಿಡಿಯೋದಲ್ಲಿ ಹೇಳುತ್ತೇನೆ.

ಮೊದಲು ದಾರಿ ನೋಡಿಬಿಡೋಣ. ಸಿಯೆಮ್ ರೀಪ್‌ನಿಂದ ಕಾರಿನಲ್ಲಿ ಎರಡು, ಎರಡೂವರೆ ಗಂಟೆ. ಟುಕ್‌ಟುಕ್‌ನಲ್ಲಿ ಹೋಗುವ ಸಾಹಸ ಬೇಡ, ಧೂಳು ಕುಡಿದು ಸುಸ್ತಾಗುತ್ತೀರಿ. ದಾರಿಯ ನಡುವೆ ಬೆಂಗ್ ಮೀಲಿಯಾ ಅನ್ನುವ ಇನ್ನೊಂದು ದೊಡ್ಡ ದೇವಸ್ಥಾನ ಸಿಗುತ್ತದೆ. ಗೈಡ್‌ಗಳು ಎರಡನ್ನೂ ಸೇರಿಸಿ ಒಂದೇ ದಿನದ ಪ್ರವಾಸ ಮಾಡಿಸುತ್ತಾರೆ. ಕೆಲವರು ಹೋಗುವಾಗಲೇ ಬೆಂಗ್ ಮೀಲಿಯಾದಲ್ಲಿ ನಿಲ್ಲಿಸುತ್ತಾರೆ. ನೀವು ಬೆಳಿಗ್ಗೆ ಆರಕ್ಕೇ ಹೊರಟು, ಮೊದಲು ದೂರದ ಕೊಹ್ ಕೇರ್ ಮುಗಿಸಿ. ಅಲ್ಲಿ ಪಿರಮಿಡ್ ಹತ್ತಬೇಕು, ಬಿಸಿಲೇರಿದ ಮೇಲೆ ಕಷ್ಟ. ಬೆಂಗ್ ಮೀಲಿಯಾದಲ್ಲಿ ಪೂರ್ತಿ ಮರಗಳ ನೆರಳು, ಅದನ್ನು ಮಧ್ಯಾಹ್ನಕ್ಕೆ ಇಟ್ಟುಕೊಳ್ಳಿ.

[ದೃಶ್ಯ: ನಕ್ಷೆ. ಸಿಯೆಮ್ ರೀಪ್, ಬೆಂಗ್ ಮೀಲಿಯಾ, ಕೊಹ್ ಕೇರ್ ಒಂದೊಂದಾಗಿ ಮೂಡುತ್ತವೆ.]

ಈಗ ಕತೆಗೆ ಬರೋಣ. ಖ್ಮೇರ್ ರಾಜರ, ಅಂದರೆ ಕಾಂಬೋಡಿಯಾದ ಹಳೆಯ ರಾಜರ, ರಾಜಧಾನಿ ಅಂದರೆ ಆಂಕೋರ್ ಅಂತಲೇ ನಮಗೆಲ್ಲ ಗೊತ್ತು. ಆದರೆ ಹತ್ತನೇ ಶತಮಾನದಲ್ಲಿ, 928ರಿಂದ 944ರವರೆಗೆ, ರಾಜಧಾನಿ ಆಂಕೋರ್‌ನಲ್ಲಿ ಇರಲಿಲ್ಲ. ನಾಲ್ಕನೇ ಜಯವರ್ಮ ಅದನ್ನು ಈ ಕಾಡಿನ ನಡುವೆ, ಕೊಹ್ ಕೇರ್‌ನಲ್ಲಿ ಕಟ್ಟಿದ. ಆಗ ಈ ಊರಿಗೆ ಚೋಕ್ ಗರ್ಗ್ಯಾರ್ ಅಂತ ಹೆಸರು. ಲಿಂಗಪುರ ಅಂತಲೂ ಕರೆಯುತ್ತಿದ್ದರು. ಊರ ತುಂಬಾ ಶಿವಲಿಂಗಗಳು. ಈಗಲೂ ಕಾಡಿನ ಒಳಗೆ ಸಣ್ಣ ಸಣ್ಣ ಗುಡಿಗಳಲ್ಲಿ ಆಳೆತ್ತರದ ಲಿಂಗಗಳು ಪೀಠದ ಸಮೇತ ನಿಂತಿವೆ. ಅಭಿಷೇಕದ ನೀರು ಹೊರಗೆ ಹರಿಯಲು ಪೀಠದಲ್ಲಿ ಕೊರೆದ ಸೋಮಸೂತ್ರ ನೋಡಿದರೆ, ನಮ್ಮೂರಿನ ಈಶ್ವರನ ಗುಡಿಯಲ್ಲೇ ನಿಂತ ಹಾಗಾಗುತ್ತದೆ.

ಇಷ್ಟೆಲ್ಲ ಕಟ್ಟಲು ಅವರಿಗೆ ಸಿಕ್ಕಿದ್ದು ಎರಡು ದಶಕದಷ್ಟು ಕಾಲ. ಅಷ್ಟರಲ್ಲೇ ಹತ್ತಾರು ಗುಡಿ, ಒಂದು ದೊಡ್ಡ ಕೆರೆ, ಒಂದು ಪಿರಮಿಡ್. ರಹಾಲ್ ಅನ್ನುವ ಆ ಕೆರೆಯ ಉದ್ದವೇ ಒಂದು ಕಿಲೋಮೀಟರ್‌ಗಿಂತ ಜಾಸ್ತಿ. ಇದರ ಜೊತೆಗೆ, ಹೊಳೆಗೆ ಅಡ್ಡಲಾಗಿ ಸುಮಾರು 7 ಕಿಲೋಮೀಟರ್ ಉದ್ದದ ಮಣ್ಣಿನ ಏರಿಯನ್ನೂ ಹಾಕಿದ್ದರು. ಸಂಶೋಧಕರು ಆ ಏರಿಯ ಅಳತೆ ತೆಗೆದು ಲೆಕ್ಕ ಹಾಕಿದಾಗ ಒಂದು ವಿಷಯ ಹೊರಗೆ ಬಂತು. ನೀರು ಹೊರಗೆ ಹೋಗಲು ಬಿಟ್ಟಿದ್ದ ಕೋಡಿ ಸಾಲುತ್ತಿರಲಿಲ್ಲ. ಒಂದು ಜೋರು ಮಳೆಗಾಲಕ್ಕೇ, ಬಹುಶಃ ಕಟ್ಟಿದ ಕೆಲವೇ ವರ್ಷಗಳಲ್ಲಿ, ಏರಿ ಒಡೆದಿರಬೇಕು ಅನ್ನುವುದು ಅವರ ತೀರ್ಮಾನ. 944ರಲ್ಲಿ ರಾಜೇಂದ್ರವರ್ಮ ರಾಜಧಾನಿಯನ್ನು ಮತ್ತೆ ಆಂಕೋರ್‌ಗೆ ಒಯ್ದ. ಏರಿ ಒಡೆದದ್ದೇ ಕಾರಣ ಅಂತ ಖಚಿತವಾಗಿ ಹೇಳಲು ಆಗುವುದಿಲ್ಲ. ಆದರೆ ಕೆರೆಯನ್ನು ನಂಬಿ ಬದುಕಿದ ಊರುಗಳಿಂದ ಬಂದ ನಮಗೆ, ಏರಿ ಒಡೆಯುವುದು ಅಂದರೆ ಏನು ಅಂತ ಬಿಡಿಸಿ ಹೇಳಬೇಕಾಗಿಲ್ಲ ಅಲ್ವಾ?

[ದೃಶ್ಯ: ಪ್ರಸಾತ್ ಥೋಮ್ ಪಿರಮಿಡ್, ಕೆಳಗಿನಿಂದ ಮೇಲಕ್ಕೆ ನಿಧಾನವಾಗಿ.]

ಪ್ರಸಾತ್ ಥೋಮ್, ಅಂದರೆ ದೊಡ್ಡ ದೇವಸ್ಥಾನ. ಮೊದಲು ಪ್ರಸಾತ್ ಕ್ರಹಮ್ ಅನ್ನುವ ಕೆಂಪು ಇಟ್ಟಿಗೆಯ ಗೋಪುರ ಸಿಗುತ್ತದೆ. ಇಟ್ಟಿಗೆಗಳ ನಡುವೆ ಗಾರೆಯ ಗೆರೆ ಕಾಣಬೇಕಾದರೆ ಹತ್ತಿರ ಹೋಗಿ ಹುಡುಕಬೇಕು, ಅಷ್ಟು ಬಿಗಿಯಾಗಿ ಕೂರಿಸಿದ್ದಾರೆ. ಅದನ್ನು ದಾಟಿ, ಬಿದ್ದ ಕಂಬಗಳ ನಡುವೆ ನಡೆದು ಹೋದರೆ ಥಟ್ಟನೆ ಬಯಲು. ಆ ಬಯಲಿನ ಆಚೆ ಪಿರಮಿಡ್. ಏಳು ಹಂತ, ಸುಮಾರು 36 ಮೀಟರ್ ಎತ್ತರ. ಆಂಕೋರ್ ವಾಟ್‌ನ ಸೂಕ್ಷ್ಮ ಕೆತ್ತನೆ ಇಲ್ಲಿಲ್ಲ. ಇಲ್ಲಿ ಎದ್ದು ಕಾಣುವುದು ಗಾತ್ರ, ಎತ್ತರ, ರಾಜನ ಹಟ. ಇದರ ತುದಿಯಲ್ಲಿ ತ್ರಿಭುವನೇಶ್ವರ ಅನ್ನುವ ಲಿಂಗ ಇತ್ತು ಅಂತ ಶಾಸನಗಳಿಂದ ಗೊತ್ತಾಗಿದೆ. ಈಗ ತುದಿಯಲ್ಲಿ ಲಿಂಗ ಇಲ್ಲ, ಒಂದು ಆಳವಾದ ಬಾವಿಯಂಥ ಗುಂಡಿ ಇದೆ. ಪಕ್ಕದಲ್ಲಿ ಮರದ ಮೆಟ್ಟಿಲು ಹಾಕಿದ್ದಾರೆ, ಆರಾಮಾಗಿ ಹತ್ತಬಹುದು. ಮೇಲಿನಿಂದ ನಾಲ್ಕೂ ಕಡೆ ಬರೀ ಕಾಡು.

ಬಹಳಷ್ಟು ಪ್ರವಾಸಗಳು ಇಲ್ಲಿಗೇ ಮುಗಿದುಬಿಡುತ್ತವೆ. ಪಿರಮಿಡ್, ಫೋಟೋ, ಊಟ. ಆದರೆ ನಾನು ನಿಮ್ಮನ್ನು ಕರೆದೊಯ್ಯಬೇಕೆಂದಿರುವ ಜಾಗ ಪ್ರಸಾತ್ ಚೆನ್ ಅನ್ನುವ ಇನ್ನೊಂದು ದೇವಸ್ಥಾನ.

[ದೃಶ್ಯ: ಪ್ರಸಾತ್ ಚೆನ್. ಕುಸಿದ ಗೋಡೆ, ಕಲ್ಲುಗಳ ರಾಶಿ.]

ಮೊದಲ ನೋಟಕ್ಕೆ ಇಲ್ಲಿ ಏನೂ ಇಲ್ಲ ಅನಿಸುತ್ತದೆ. ಮುರಿದ ಬಾಗಿಲುವಾಡ, ಕುಸಿದ ಗೋಡೆ, ಗಿಡಗಂಟಿ. ಗೈಡ್ ಬೇಕಾಗುವುದು ಇಂಥ ಕಡೆಯೇ. ಪಶ್ಚಿಮದ ದ್ವಾರದ ಹತ್ತಿರ ನಿಂತು ಕೇಳಿ, ಅವರು ಹೇಳುತ್ತಾರೆ: ಇದೇ ಜಾಗದಲ್ಲಿ ಭೀಮ ಮತ್ತು ದುರ್ಯೋಧನ ಎದುರುಬದುರು ನಿಂತಿದ್ದರು.

ಹೌದು, ಗದಾಯುದ್ಧ. ಗೋಡೆಯ ಮೇಲಿನ ಉಬ್ಬುಶಿಲ್ಪ ಅಂದುಕೊಳ್ಳಬೇಡಿ. ಹೆಚ್ಚುಕಡಿಮೆ ಮನುಷ್ಯರಷ್ಟೇ ಎತ್ತರದ, ಸುತ್ತಲೂ ಬಿಡಿಸಿ ಕೆತ್ತಿದ ಮೂರ್ತಿಗಳು. ದುರ್ಯೋಧನ ಮೇಲಕ್ಕೆ ನೆಗೆಯಲು ಮೈ ಬಿಗಿಹಿಡಿದಿದ್ದಾನೆ, ಭೀಮ ಎದುರಿಗೆ ಸಜ್ಜಾಗಿದ್ದಾನೆ. ಸುತ್ತ ಉಳಿದ ಪಾಂಡವರು, ಕೃಷ್ಣ, ಬಲರಾಮ. ಕತೆ ನಿಮಗೆ ಗೊತ್ತೇ ಇದೆ. ಹೊಡೆತ ತಪ್ಪಿಸಿಕೊಳ್ಳಲು ದುರ್ಯೋಧನ ನೆಗೆಯುತ್ತಾನೆ, ಭೀಮ ತೊಡೆಗೆ ಹೊಡೆಯುತ್ತಾನೆ, ಹೊಕ್ಕುಳಿನ ಕೆಳಗೆ ಹೊಡೆದದ್ದು ಅನ್ಯಾಯ ಅಂತ ಬಲರಾಮ ಕೆರಳುತ್ತಾನೆ. ಶಿಲ್ಪಿ ಆರಿಸಿಕೊಂಡಿರುವುದು ಹೊಡೆತ ಬೀಳುವ ಮುಂಚಿನ ಗಳಿಗೆ. ಯಕ್ಷಗಾನದಲ್ಲಿ ಗದಾಯುದ್ಧ ಪ್ರಸಂಗ ನೋಡಿದವರಿಗೆ ಆ ಗಳಿಗೆಯ ಬಿಗಿ ಎಂಥದ್ದು ಅಂತ ಗೊತ್ತು.

ಕಾಲವನ್ನೂ ಸ್ವಲ್ಪ ಹೊಂದಿಸಿ ನೋಡಿ. ಕೊಹ್ ಕೇರ್ ರಾಜಧಾನಿಯಾಗಿದ್ದಾಗಲೇ, 941ರ ಸುಮಾರಿಗೆ, ಪಂಪ ಕನ್ನಡದಲ್ಲಿ ಭಾರತ ಬರೆದ. ಅದೇ ಶತಮಾನ ಮುಗಿಯುವುದರೊಳಗೆ ರನ್ನ ಇದೇ ಭೀಮ ದುರ್ಯೋಧನರ ಕಾಳಗವನ್ನೇ ನಡುವಿಗಿಟ್ಟು ಕಾವ್ಯ ಕಟ್ಟಿದ. ಈ ಕವಿಗಳು ಆ ಶಿಲ್ಪಿಗಳನ್ನು ಬಲ್ಲರು ಅಂತ ನಾನು ಹೇಳುತ್ತಿಲ್ಲ. ಆದರೆ ಒಂದೇ ಕಾಲದಲ್ಲಿ ಕನ್ನಡದ ಕವಿಗಳೂ ಖ್ಮೇರ್ ಶಿಲ್ಪಿಗಳೂ ಅದೇ ಕತೆಗೆ ಮನಸೋತಿದ್ದರು. ಪ್ರಸಾತ್ ಚೆನ್‌ನ ಕಲ್ಲುಗಳ ನಡುವೆ ನಿಂತು ಇದನ್ನು ನೆನೆಸಿಕೊಂಡರೆ ನನಗೆ ಮೈ ಜುಮ್ಮೆನ್ನುತ್ತದೆ.

ಹಾಗಾದರೆ ಮೂರ್ತಿಗಳು ಎಲ್ಲಿ ಹೋದವು? ಕದ್ದು ಸಾಗಿಸಿದರು. 1970ರ ನಂತರ ಕಾಂಬೋಡಿಯಾ ಯುದ್ಧದಲ್ಲಿ ಸಿಕ್ಕಿಕೊಂಡಿತು. ಈ ಕಡೆ ಯಾರ ಕಾವಲೂ ಇರಲಿಲ್ಲ. ಇಡೀ ಮೂರ್ತಿಯನ್ನು ಎತ್ತಲು ಆಗದೆ ಕಳ್ಳರು ದುರ್ಯೋಧನನನ್ನು ಕಣಕಾಲಿನಲ್ಲೇ ಒಡೆದರು. ಪಾದ ಪೀಠದ ಮೇಲೆಯೇ ಉಳಿಯಿತು, ಮೈ ಮಾತ್ರ ಹೋಯಿತು. 1975ರಲ್ಲಿ ಅದು ಲಂಡನ್‌ನಲ್ಲಿ ಮಾರಾಟವಾಯಿತು. ಭೀಮ ಅಮೆರಿಕದ ಕ್ಯಾಲಿಫೋರ್ನಿಯಾದ ನಾರ್ಟನ್ ಸೈಮನ್ ಮ್ಯೂಸಿಯಂ ಸೇರಿದ. ಮಂಡಿಯೂರಿ ಕುಳಿತ ಇಬ್ಬರು ನ್ಯೂಯಾರ್ಕ್‌ನ ಮೆಟ್ರೊಪಾಲಿಟನ್ ಮ್ಯೂಸಿಯಂನಲ್ಲಿ ಬಾಗಿಲಿನ ಎರಡು ಕಡೆ ಕುಳಿತರು. ಜೊತೆಗಿದ್ದ ಮೂರ್ತಿಗಳು ಬೇರೆ ಬೇರೆ ಊರು ಪಾಲಾದವು.

[ದೃಶ್ಯ: ತೆರೆಯ ಎಡಕ್ಕೆ ಪೀಠದ ಮೇಲಿನ ಪಾದಗಳ ರೇಖಾಚಿತ್ರ, ಬಲಕ್ಕೆ ಮೂರ್ತಿಯ ರೇಖಾಚಿತ್ರ. ಎರಡೂ ನಿಧಾನವಾಗಿ ಕೂಡುತ್ತವೆ.]

ಕಳ್ಳರನ್ನು ಹಿಡಿದುಕೊಟ್ಟದ್ದು ಆ ಪಾದಗಳೇ. ಫ್ರೆಂಚ್ ಪುರಾತತ್ವ ತಜ್ಞ ಎರಿಕ್ ಬುರ್ದೋನೋ ಇಲ್ಲಿ ಉಳಿದಿದ್ದ ಪೀಠಗಳನ್ನು ಪರದೇಶದಲ್ಲಿದ್ದ ಮೂರ್ತಿಗಳ ಜೊತೆ ಹೊಂದಿಸಿ ನೋಡಿದರು. ಮುರಿದ ಜಾಗ ಕೂಡಿತು. 2011ರಲ್ಲಿ ನ್ಯೂಯಾರ್ಕ್‌ನಲ್ಲಿ ಸೋದಬೀಸ್ ಅನ್ನುವ ಹರಾಜು ಸಂಸ್ಥೆ ದುರ್ಯೋಧನನನ್ನು ಹರಾಜಿಗಿಟ್ಟಾಗ ಕಾಂಬೋಡಿಯಾ ಆಕ್ಷೇಪ ಎತ್ತಿತು, ಹರಾಜು ನಿಂತಿತು. ಮರುವರ್ಷ ಅಮೆರಿಕ ಸರ್ಕಾರವೇ ಕೋರ್ಟಿಗೆ ಹೋಯಿತು. 2013ರಲ್ಲಿ ಮೆಟ್ರೊಪಾಲಿಟನ್ ತನ್ನಲ್ಲಿದ್ದ ಇಬ್ಬರನ್ನು ಕಳಿಸಿಕೊಟ್ಟಿತು. 2014ರಲ್ಲಿ ದುರ್ಯೋಧನ, ಭೀಮ, ಬಲರಾಮ ಮೂವರೂ ಕಾಂಬೋಡಿಯಾಕ್ಕೆ ವಾಪಸ್ ಬಂದರು. ಖ್ಮೇರ್ ಮೂರ್ತಿಗಳ ದೊಡ್ಡ ಸಂಗ್ರಾಹಕ, ವ್ಯಾಪಾರಿ ಡಗ್ಲಸ್ ಲ್ಯಾಚ್‌ಫರ್ಡ್ ಮೇಲೆ 2019ರಲ್ಲಿ ಅಮೆರಿಕದಲ್ಲಿ ಆರೋಪ ಹೊರಿಸಲಾಯಿತು. ವಿಚಾರಣೆಗೆ ಮುಂಚೆಯೇ, 2020ರಲ್ಲಿ, ಆತ ತೀರಿಕೊಂಡ. ಕದ್ದದ್ದು ಇನ್ನೂ ಒಂದೊಂದಾಗಿ ಬರುತ್ತಲೇ ಇದೆ.

ಬಂದ ಮೂರ್ತಿಗಳನ್ನು ಮತ್ತೆ ಕಾಡಿನಲ್ಲಿ ಇಡುವ ಹಾಗಿಲ್ಲ. ಅವು ಇರುವುದು ಈಗಿನ ರಾಜಧಾನಿ ನಾಮ್ ಪೆನ್‌ನ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ. ಪ್ರಸಾತ್ ಚೆನ್‌ನ ವಾಲಿ ಸುಗ್ರೀವರ ಕುಸ್ತಿಯೂ ಅಲ್ಲೇ ಇದೆ. ಒಬ್ಬರ ಮೈ ಇನ್ನೊಬ್ಬರ ಮೈಗೆ ಹೆಣೆದುಕೊಂಡ ಪಟ್ಟು ಅದು, ನೋಡಿಯೇ ನೋಡಬೇಕು. ನಿಮ್ಮ ಪ್ರವಾಸದಲ್ಲಿ ನಾಮ್ ಪೆನ್ ಇದ್ದರೆ, ಕೊಹ್ ಕೇರ್ ನೋಡಿದ ಮೇಲೆ ಮ್ಯೂಸಿಯಂಗೆ ಹೋಗಿ. ಉಲ್ಟಾ ಬೇಡ. ಖಾಲಿ ಜಾಗ ಮೊದಲು ನೋಡಿರಬೇಕು.

ಕೊಹ್ ಕೇರ್ 2023ರ ಸೆಪ್ಟೆಂಬರ್‌ನಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿ ಸೇರಿತು. ಜನ ಜಾಸ್ತಿಯಾಗುವ ಮುಂಚೆ ಹೋಗಿಬನ್ನಿ. ಹೊರಡುವ ಮುಂಚೆ ಪ್ರಸಾತ್ ಪ್ರಾಮ್‌ನಲ್ಲೂ ಹತ್ತು ನಿಮಿಷ ನಿಲ್ಲಿ. ಐದು ಸಣ್ಣ ಗೋಪುರಗಳು, ಅದರಲ್ಲಿ ಒಂದೆರಡನ್ನು ಆಲದ ಜಾತಿಯ ಮರದ ಬೇರು ಪೂರ್ತಿ ತಬ್ಬಿಕೊಂಡಿದೆ.

[ದೃಶ್ಯ: ಬೆಂಗ್ ಮೀಲಿಯಾ. ಹೆಡೆ ಎತ್ತಿದ ಕಲ್ಲಿನ ನಾಗ, ಹಿಂದೆ ಕಲ್ಲಿನ ರಾಶಿ.]

ಊಟ ಆದಮೇಲೆ ಬೆಂಗ್ ಮೀಲಿಯಾ. ಇದು ಹನ್ನೆರಡನೇ ಶತಮಾನದ್ದು, ಆಂಕೋರ್ ವಾಟ್‌ನ ಶೈಲಿಯದೇ. ನಕ್ಷೆಯೂ ಹೆಚ್ಚುಕಡಿಮೆ ಅದೇ: ಸುತ್ತ ಕಂದಕ, ಒಂದರೊಳಗೊಂದು ಪ್ರಾಕಾರ. ಆದರೆ ಪ್ರಾಕಾರಗಳ ಒಳಗೆ ಬಹುಪಾಲು ಬಿದ್ದದ್ದು ಬಿದ್ದ ಹಾಗೇ ಇದೆ. ತಾ ಪ್ರೋಮ್‌ನಲ್ಲಿ ನಮ್ಮ ಭಾರತೀಯ ಪುರಾತತ್ವ ಇಲಾಖೆಯವರು ವರ್ಷಗಟ್ಟಲೆ ಕೆಲಸ ಮಾಡಿ ಗೋಡೆ ನಿಲ್ಲಿಸಿದ್ದಾರೆ. ಇಲ್ಲಿ ಅಷ್ಟು ಕೆಲಸ ಆಗಿಲ್ಲ.

ಯಾಕೆ ಹೀಗೆ ಕುಸಿಯಿತು? ಖ್ಮೇರ್ ಶಿಲ್ಪಿಗಳು ನಿಜವಾದ ಕಮಾನು ಕಟ್ಟುತ್ತಿರಲಿಲ್ಲ. ಎರಡು ಕಡೆಯ ಗೋಡೆಯಿಂದ ಕಲ್ಲನ್ನು ಸ್ವಲ್ಪ ಸ್ವಲ್ಪವೇ ಮುಂದಕ್ಕೆ ಚಾಚಿ, ನಡುವೆ ಕೂಡಿಸುತ್ತಿದ್ದರು. ಗಾರೆ ಇಲ್ಲ, ಕಲ್ಲಿನ ಭಾರವೇ ಕಲ್ಲನ್ನು ಹಿಡಿದಿಡಬೇಕು. ಸಂದಿಯಲ್ಲಿ ಒಂದು ಬೇರು ಹೊಕ್ಕಿ ಒಂದೇ ಕಲ್ಲನ್ನು ಸರಿಸಿದರೂ ಸಾಕು, ಇಡೀ ಸಾಲು ಕೆಳಗೆ. ಬಿದ್ದ ಕಲ್ಲುಗಳ ಮೈಮೇಲೆ ಹೆಬ್ಬೆರಳಿನಷ್ಟು ಗಾತ್ರದ ದುಂಡನೆಯ ತೂತುಗಳು ಕಾಣುತ್ತವೆ. ಗುಂಡೇಟಿನ ಗುರುತು ಅಂದುಕೊಳ್ಳುವವರೂ ಇದ್ದಾರೆ. ಕಲ್ಲು ಎತ್ತುವಾಗ, ಸಾಗಿಸುವಾಗ ಗೂಟ ಹೊಡೆದು ಹಗ್ಗ ಕಟ್ಟಲು ಕೊರೆದದ್ದು ಅವು. ಗೈಡ್ ಹತ್ತಿರ ಕೇಳಿ, ಬೆರಳಿಟ್ಟು ತೋರಿಸುತ್ತಾರೆ. ಕಲ್ಲು ಬಂದದ್ದು ಹತ್ತಿರದ ಕುಲೇನ್ ಬೆಟ್ಟದ ಬುಡದ ಗಣಿಗಳಿಂದ.

ಓಡಾಡಲು ಮರದ ಅಟ್ಟಣಿಗೆಯ ದಾರಿ ಇದೆ. ಅದನ್ನು ಬಿಟ್ಟು ಕಲ್ಲುಗಳ ಮೇಲೆ ಹತ್ತಬೇಡಿ. ಪಾಚಿ ಕಟ್ಟಿ ಜಾರುತ್ತವೆ, ಕಲ್ಲಿಗೂ ಪೆಟ್ಟು.

ಇನ್ನು ಮುಖ್ಯವಾದ ಮಾತು. ಈ ಪ್ರದೇಶದಲ್ಲಿ ಯುದ್ಧಕಾಲದ ನೆಲಬಾಂಬುಗಳಿದ್ದವು. ಪ್ರವಾಸಿಗರು ಓಡಾಡುವ ಜಾಗಗಳನ್ನು ಶುಚಿ ಮಾಡಿದ್ದಾರೆ. ಆದರೂ ಸವೆದ ಕಾಲುದಾರಿ ಬಿಟ್ಟು ಕಾಡಿನೊಳಗೆ ಹೆಜ್ಜೆ ಇಡಬೇಡಿ, ಮೂತ್ರಕ್ಕೂ ಬೇಡ. ಇನ್ನೊಂದು: ಕೆಲವು ಏಜೆಂಟರು ಇದೇ ಪ್ರವಾಸಕ್ಕೆ ಪ್ರಿಯ ವಿಹಾರ್ ಬೆಟ್ಟದ ದೇವಸ್ಥಾನವನ್ನೂ ಸೇರಿಸುತ್ತಾರೆ. ಅದು ಥಾಯ್ಲೆಂಡ್ ಗಡಿಯಲ್ಲೇ ಇದೆ, 2025ರಲ್ಲಿ ಅಲ್ಲಿ ಎರಡು ದೇಶಗಳ ಸೈನ್ಯದ ನಡುವೆ ಕಾಳಗ ಆಯಿತು. ಆ ಕಡೆ ಹೋಗಬೇಕು ಅಂದರೆ ಆಯಾ ಹೊತ್ತಿನ ಸರ್ಕಾರಿ ಸೂಚನೆ ನೋಡಿಯೇ ಹೊರಡಿ.

ನವೆಂಬರ್‌ನಿಂದ ಫೆಬ್ರವರಿ ಒಳ್ಳೆಯ ಕಾಲ. ಏಪ್ರಿಲ್ ಬಿಸಿಲು ಬೇಡವೇ ಬೇಡ. ಸಣ್ಣ ಮೊತ್ತದ ಡಾಲರ್ ನೋಟು ಇಟ್ಟುಕೊಳ್ಳಿ, ಹರಿದ ನೋಟು ತೆಗೆದುಕೊಳ್ಳುವುದಿಲ್ಲ. ಕೊಹ್ ಕೇರ್‌ಗೆ ಬೇರೆಯೇ ಟಿಕೆಟ್. ಸಸ್ಯಾಹಾರಿಗಳು ಅನ್ನ, ತರಕಾರಿ ಹೇಳುವಾಗ ಮೀನಿನ ಸಾಸ್ ಬೇಡ ಅಂತ ಗೈಡ್ ಕೈಲಿ ಹೇಳಿಸಿ, ಇಲ್ಲದಿದ್ದರೆ ಹಾಕಿಯೇ ಹಾಕುತ್ತಾರೆ. ದಾರಿ ಬದಿಯಲ್ಲಿ ಕ್ರಲಾನ್ ಸಿಕ್ಕರೆ ಬಿಡಬೇಡಿ. ಅಂಟಕ್ಕಿ, ಕಾಳು, ತೆಂಗಿನ ಹಾಲು ಬಿದಿರಿನ ಕೊಳವೆಗೆ ತುಂಬಿ ಕೆಂಡದಲ್ಲಿ ಸುಡುತ್ತಾರೆ. ಬಿದಿರಿನ ಸಿಪ್ಪೆ ಸುಲಿದರೆ ಒಳಗೆ ತೆಳ್ಳಗಿನ ಪೊರೆಯ ಸಮೇತ ಬಿಸಿ ಬಿಸಿ ಅನ್ನ. ತಾಳೆ ಬೆಲ್ಲವೂ ಚೆನ್ನಾಗಿರುತ್ತದೆ.

ಗೈಡ್ ಗೊತ್ತುಮಾಡುವಾಗ ಲೈಸೆನ್ಸ್ ಇರುವ ಸ್ಥಳೀಯರನ್ನೇ ಆರಿಸಿಕೊಳ್ಳಿ. ಬರೀ ಡ್ರೈವರ್ ಬಂದರೆ ಬಾಗಿಲಲ್ಲಿ ಇಳಿಸಿ ಕಾರಿನಲ್ಲೇ ಕೂರುತ್ತಾರೆ, ಅದು ಅವರ ತಪ್ಪಲ್ಲ, ಅವರ ಕೆಲಸ ಅಷ್ಟೇ. ಹಿಂದಿನ ದಿನವೇ ಮಾತಾಡಿ, ಪಟ್ಟಿಯಲ್ಲಿ ಪ್ರಸಾತ್ ಚೆನ್ ಹೆಸರು ಬರೆಸಿ. ಕೇಳದಿದ್ದರೆ ಕಾರು ಅದರ ಮುಂದಿನಿಂದಲೇ ಹಾದುಹೋಗುತ್ತದೆ.