ರಜೆಯ ಚಾಕೊಲೇಟ್ ತರಗತಿಗೆ ಹೊರಡುವ ಮುನ್ನ

ಕೇಳುಗರಿಗೆ ನಮಸ್ಕಾರ.

ಏಪ್ರಿಲ್ ಬಂತೆಂದರೆ ನಮ್ಮ ಬದಿಯಡ್ಕ, ಪೆರ್ಲ, ಮುಳ್ಳೇರಿಯ ಕಡೆಯ ಅಡಕೆ ತೋಟಗಳಲ್ಲಿ ಕೊಕ್ಕೋ ಹಣ್ಣು ಹಳದಿಗೆ ತಿರುಗುತ್ತದೆ. ಅದೇ ಹೊತ್ತಿಗೆ ಮಕ್ಕಳಿಗೆ ಶಾಲೆ ರಜೆ. ಊಟಿಗೋ ಮುನ್ನಾರಿಗೋ ಮಡಿಕೇರಿಗೋ ಹೋದವರು ಅಲ್ಲಿ ಚಾಕೊಲೇಟ್ ಮಾಡಲು ಕಲಿಸುವ ತರಗತಿ ಇದೆಯೆಂದು ಕೇಳಿ ಸೇರುತ್ತಾರೆ. ಎರಡು ಗಂಟೆ ಕಲಿತು, ತಾವೇ ಮಾಡಿದ ಹತ್ತಾರು ತುಂಡು ಕಟ್ಟಿಕೊಂಡು ಸಂತೋಷದಿಂದ ಹೊರಡುತ್ತಾರೆ. ಘಟ್ಟ ಇಳಿದು ಕಾಸರಗೋಡು ಮುಟ್ಟುವಾಗ ಆ ತುಂಡುಗಳು ಬಿಳಿಚಿಕೊಂಡಿರುತ್ತವೆ, ಇಲ್ಲವೇ ಕರಗಿ ಕಾಗದಕ್ಕೆ ಅಂಟಿರುತ್ತವೆ. ಯಾಕೆ ಹಾಗಾಗುತ್ತದೆ, ತರಗತಿಯಲ್ಲಿ ಏನನ್ನು ನೋಡಬೇಕು, ಏನನ್ನು ಕೇಳಬೇಕು ಎಂಬುದನ್ನು ಇವತ್ತು ಹೇಳುತ್ತೇನೆ.

ಹಣ ಕಟ್ಟುವ ಮೊದಲು, ಅವರು ಕರಗಿಸಲು ಇಟ್ಟ ಚಾಕೊಲೇಟ್ ಗಟ್ಟಿಯ ಹೊದಿಕೆ ತಿರುಗಿಸಿ ಓದಿ. ಪದಾರ್ಥಗಳ ಪಟ್ಟಿಯಲ್ಲಿ ಕೊಕ್ಕೋ ಬೆಣ್ಣೆ, ಅಂದರೆ ಕೋಕೋ ಬಟರ್ ಇದ್ದರೆ ಅದು ನಿಜವಾದ ಚಾಕೊಲೇಟ್. ಅದರ ಜಾಗದಲ್ಲಿ ಹೈಡ್ರೋಜನೀಕರಿಸಿದ ಸಸ್ಯಜನ್ಯ ಕೊಬ್ಬು ಅಥವಾ ತಾಳೆಕಾಯಿಯ ಕೊಬ್ಬು ಇದ್ದರೆ ಅದು ಕಾಂಪೌಂಡ್. ಕಾಂಪೌಂಡನ್ನು ಕರಗಿಸಿ, ಅಚ್ಚಿಗೆ ಹೊಯ್ದು, ಫ್ರಿಜ್ಜಿನಲ್ಲಿಟ್ಟರೆ ಮುಗಿಯಿತು. ಹದ ಹಿಡಿಯುವ ಕೆಲಸವೇ ಇಲ್ಲ. ಸಣ್ಣ ಮಕ್ಕಳಿಗೆ ಅದು ಒಳ್ಳೆಯ ಆಟ. ಆದರೆ ಚಾಕೊಲೇಟ್ ಕಲಿಯಲೆಂದೇ ಹೋದವರಿಗೆ ಅದರಿಂದ ಏನೂ ಸಿಕ್ಕುವುದಿಲ್ಲ. ಕೊಕ್ಕೋ ಬೆಣ್ಣೆ ಬಾಯಿಯ ಶಾಖಕ್ಕೆ ಕರಗುವಂಥದು. ಕಾಂಪೌಂಡಿನ ಕೊಬ್ಬಿಗೆ ಆ ಗುಣ ಕಡಿಮೆ, ನಾಲಿಗೆಯ ಮೇಲೆ ಮೇಣದಂತೆ ಉಳಿಯುತ್ತದೆ. ಎರಡನೆಯದಾಗಿ, ಕೆಲಸದ ಕೋಣೆಗೆ ಏಸಿ ಇದೆಯೇ ಎಂದು ಕೇಳಿ. ಮೂರನೆಯದು, ಒಬ್ಬೊಬ್ಬರಿಗೆ ಒಂದೊಂದು ಥರ್ಮಾಮೀಟರ್ ಕೊಡುತ್ತಾರೆಯೇ ಎಂದು ಕೇಳಿ. ಇಪ್ಪತ್ತು ಮಂದಿಗೆ ಒಂದೇ ಥರ್ಮಾಮೀಟರ್ ಇದ್ದರೆ ನೀವು ನೋಡಿ ಬರುತ್ತೀರಿ, ಮಾಡಿ ಬರುವುದಿಲ್ಲ.

ಎರಡು ಗಂಟೆಯಲ್ಲಿ ಕರಗಿಸುವುದು, ಹದ ಮಾಡುವುದು, ಅಚ್ಚಿಗೆ ಹೊಯ್ಯುವುದು ಇಷ್ಟೇ ಸಾಧ್ಯ. ಅರ್ಧ ದಿನ ಸಿಕ್ಕರೆ ಬೀಜ ಹುರಿದು ಸಿಪ್ಪೆ ಕೇರಬಹುದು. ಅರೆಯುವುದಕ್ಕೆ ಕಡಿಮೆಯೆಂದರೂ ಒಂದು ದಿನ ಮತ್ತು ಒಂದು ರಾತ್ರಿ ಬೇಕು. ಇವೆಲ್ಲಕ್ಕೂ ಹಿಂದಿನದೊಂದು ಕೆಲಸವಿದೆ, ಹಸಿಬೀಜವನ್ನು ಹುದುಗಿಸುವುದು, ಅದಕ್ಕೆ ಆರು ದಿನ. ಚಾಕೊಲೇಟಿನ ರುಚಿ ಹುಟ್ಟುವುದು ಆ ಆರು ದಿನಗಳಲ್ಲಿ. ಗುಡ್ಡದ ಮೇಲಿನ ತಣ್ಣನೆಯ ಊರಿನವರಿಗೆ ಅದನ್ನು ತೋರಿಸಲು ಮರವಿಲ್ಲ. ನಮ್ಮಲ್ಲಿ ಅದು ಅಡಕೆ ಮರದ ಬುಡದಲ್ಲೇ ಇದೆ.

ನಮ್ಮ ಬಹುತೇಕ ಕೃಷಿಕರು ಕೊಕ್ಕೋವನ್ನು ಹಸಿಬೀಜವಾಗಿಯೇ ಮಾರುತ್ತಾರೆ. 1973ರಲ್ಲಿ ಹುಟ್ಟಿದ, ಅಡಕೆ ಬೆಳೆಗಾರರ ಸಹಕಾರಿ ಸಂಸ್ಥೆಯಾದ ಕ್ಯಾಂಪ್ಕೋ ಕೊಕ್ಕೋ ಖರೀದಿಗೂ ಇಳಿದು, 1986ರಲ್ಲಿ ಪುತ್ತೂರಿನಲ್ಲಿ ಚಾಕೊಲೇಟ್ ಕಾರ್ಖಾನೆ ತೆರೆಯಿತು. ಹೀಗೆ ಮನೆಯಲ್ಲಿ ಬೀಜ ಹುದುಗಿಸುವ ಅಗತ್ಯ ಹೆಚ್ಚಿನವರಿಗೆ ಬರಲಿಲ್ಲ. ಆದರೂ ಅದು ಕಷ್ಟದ ಕೆಲಸವಲ್ಲ, ಐದಾರು ಕೆ.ಜಿ. ಹಸಿಬೀಜಕ್ಕೆ ಒಂದು ಬಿದಿರಿನ ಬುಟ್ಟಿ ಸಾಕು.

ಹಣ್ಣನ್ನು ಕತ್ತಿಯಿಂದ ಸೀಳಬೇಡಿ, ಒಳಗಿನ ಬೀಜಕ್ಕೆ ಗಾಯವಾಗುತ್ತದೆ. ಗಾಯವಾದ ಬೀಜಕ್ಕೆ ಬೂಸು ಹಿಡಿಯುತ್ತದೆ. ಮರದ ಕೊಡತಿಯಿಂದ ಹೊಡೆದು ಒಡೆಯಿರಿ, ಇಲ್ಲವೇ ಕಲ್ಲಿಗೆ ಕುಟ್ಟಿ. ಒಂದು ಹಣ್ಣಿನಲ್ಲಿ ಸಾಮಾನ್ಯವಾಗಿ 30ರಿಂದ 45 ಬೀಜ. ನಡುವಿನ ನಾರಿನ ದಿಂಡನ್ನು ತೆಗೆದು, ಬಿಳಿ ತಿರುಳು ಸಮೇತ ಬೀಜವನ್ನಷ್ಟೇ ಬಿಡಿಸಿಕೊಳ್ಳಿ. ಅಳಿಲು ಕೊರೆದ ಹಣ್ಣು, ಕೊಳೆರೋಗದಿಂದ ಕಪ್ಪಾದ ಹಣ್ಣು, ಒಳಗೇ ಮೊಳಕೆ ಬಂದದ್ದು ಇವನ್ನು ಸೇರಿಸಬಾರದು. ಬುಟ್ಟಿಯ ಒಳಗೆ ಅಲ್ಲಲ್ಲಿ ಸೀಳಿದ ಬಾಳೆ ಎಲೆ ಹಾಸಿ, ಬೀಜ ತುಂಬಿ ಅದುಮಿ, ಮೇಲೂ ಬಾಳೆ ಎಲೆ ಮುಚ್ಚಿ. ತಿರುಳು ಕರಗಿ ನೀರು ಸೋರುತ್ತದೆ, ಅದಕ್ಕಾಗಿ ಬುಟ್ಟಿಯನ್ನು ಎರಡು ಇಟ್ಟಿಗೆಯ ಮೇಲೆ ಎತ್ತಿ ಇಡಿ. 24 ಗಂಟೆ ಕಳೆದ ಮೇಲೆ ದಪ್ಪ ಗೋಣಿ ಹೊದೆಸಿ. 48 ಗಂಟೆಗೆ ಒಮ್ಮೆ, 96 ಗಂಟೆಗೆ ಇನ್ನೊಮ್ಮೆ ಬೀಜವನ್ನೆಲ್ಲ ಹೊರತೆಗೆದು, ಚೆನ್ನಾಗಿ ಕಲಸಿ, ಮತ್ತೆ ತುಂಬಬೇಕು. ಆರನೆಯ ದಿನದ ಕೊನೆಗೆ ತೆಗೆಯಿರಿ.

ಒಳಗೆ ನಡೆಯುವುದು ದೋಸೆ ಹಿಟ್ಟು ಹುಳಿ ಬರುವುದಕ್ಕೆ ಹತ್ತಿರದ ಕೆಲಸ. ಮೊದಲ ಎರಡು ದಿನ ಗಾಳಿಯಿಲ್ಲದ ಕಡೆ ಯೀಸ್ಟ್ ತಿರುಳಿನ ಸಕ್ಕರೆಯನ್ನು ತಿಂದು ಮದ್ಯಸಾರ ಮಾಡುತ್ತದೆ. ಕಳ್ಳಿನ ವಾಸನೆ ಬರುತ್ತದೆ. ಮಗುಚಿದಾಗ ಗಾಳಿ ಸೇರಿ, ಬೇರೆ ಬ್ಯಾಕ್ಟೀರಿಯಾ ಆ ಮದ್ಯಸಾರವನ್ನು ವಿನೆಗರ್ ಆಗಿಸುತ್ತದೆ. ಆಗ ರಾಶಿ 45ರಿಂದ 50 ಡಿಗ್ರಿಯವರೆಗೆ ಬಿಸಿಯೇರುತ್ತದೆ, ಕೈ ಹಾಕಿದರೆ ಗೊತ್ತಾಗುತ್ತದೆ. ಆ ಬಿಸಿಗೆ, ಆ ಹುಳಿಗೆ ಬೀಜದ ಜೀವ ಹೋಗಿ, ಒಳಗಿನ ಒಗರು ಇಳಿಯುತ್ತದೆ. ಮುಂದೆ ಹುರಿದಾಗ ಚಾಕೊಲೇಟ್ ಪರಿಮಳವಾಗುವ ಅಂಶಗಳೂ ಆಗಲೇ ಮೂಡುತ್ತವೆ. ಮಗುಚದೆ ಬಿಟ್ಟರೆ ಬಿಸಿಯೇರುವುದಿಲ್ಲ. ಎರಡೇ ಕೆ.ಜಿ.ಗಿಂತ ಕಡಿಮೆ ಬೀಜ ಹಾಕಿದರೂ ಬಿಸಿ ನಿಲ್ಲುವುದಿಲ್ಲ. ಹೆಚ್ಚು ದಿನ ಬಿಟ್ಟರೆ ಬೀಜ ಕಪ್ಪಾಗಿ ಕೊಳೆತ ನಾತ ಬರುತ್ತದೆ, ಆ ನಾತ ಯಾವ ಹುರಿತಕ್ಕೂ ಹೋಗದು.

ತೋಟದಿಂದಲೇ ಶುರು ಮಾಡುವ ತರಗತಿ ಎಲ್ಲಾದರೂ ಸಿಕ್ಕರೆ, ಒಂದನೆಯ, ಮೂರನೆಯ, ಆರನೆಯ ದಿನದ ಬುಟ್ಟಿಗಳನ್ನು ಪಕ್ಕಪಕ್ಕದಲ್ಲಿ ತೆರೆದು ತೋರಿಸಿ ಎಂದು ಕೇಳಿ. ಮೂರನ್ನೂ ಮೂಸಿ ನೋಡಿದವರಿಗೆ ಯಾವ ಪುಸ್ತಕವೂ ಬೇಡ.

ಒಣಗಿಸಲು ಅಡಕೆ ಅಂಗಳ ಸಾಕು. ತೆಳುವಾಗಿ ಹರಡಿ, ಆಗಾಗ ಕೈಯಾಡಿಸಿದರೆ ಒಳ್ಳೆಯ ಬಿಸಿಲಿಗೆ ಐದಾರು ದಿನ. ತೇವ ಶೇಕಡಾ 6ರಿಂದ 7ಕ್ಕೆ ಇಳಿಯಬೇಕು. ಮುಷ್ಟಿಯಲ್ಲಿ ಹಿಡಿದು ಅಮುಕಿದರೆ ಚಟಚಟ ಸದ್ದು ಬರುತ್ತದೆ. ಜೂನ್ ಮಳೆ ಹಿಡಿದ ಮೇಲೆ ಕೆಲವರು ಒಲೆಯ ಮೇಲಿನ ಅಟ್ಟದಲ್ಲಿ ಒಣಗಿಸಲು ನೋಡುತ್ತಾರೆ. ಅದು ಬೇಡ. ಕೊಕ್ಕೋ ಬೀಜದ ಬೇಳೆಯಲ್ಲಿ ಅರ್ಧಕ್ಕರ್ಧ ಕೊಬ್ಬು, ಕೊಬ್ಬು ಹೊಗೆಯನ್ನು ಹಿಡಿದರೆ ಬಿಡುವುದಿಲ್ಲ. 10 ಕೆ.ಜಿ. ಹಸಿಬೀಜಕ್ಕೆ ಮೂರೂವರೆ ಕೆ.ಜಿ.ಯಷ್ಟು ಒಣಬೀಜ ಸಿಗುತ್ತದೆ. ಹತ್ತು ಬೀಜ ಉದ್ದಕ್ಕೆ ಸೀಳಿ ನೋಡಿ: ಕಂದು ಬಣ್ಣ, ಒಳಗೆ ಬಿರುಕು ಇದ್ದರೆ ಸರಿಯಾಗಿ ಹುದುಗಿದೆ. ನೇರಳೆ ಬಣ್ಣ ಉಳಿದಿದ್ದರೆ ಅರ್ಧ ಹುದುಗಿದ್ದು, ಒಗರು ಬರುತ್ತದೆ. ಸ್ಲೇಟಿನ ಬೂದು ಬಣ್ಣವಾದರೆ ಹುದುಗಲೇ ಇಲ್ಲ.

ಹುರಿಯುವುದು ಬೇಗ ಹೇಳಿ ಮುಗಿಸಬಹುದಾದ ಮಾತು. ಚಪ್ಪಟೆ ಬೀಜ, ಅಂಟಿಕೊಂಡ ಜೋಡಿ ಬೀಜ ಆರಿಸಿ ತೆಗೆದು, ಓವನ್ನಿನಲ್ಲಿ ಒಂದೇ ಪದರವಾಗಿ ಹರಡಿ, 130 ಡಿಗ್ರಿಯಲ್ಲಿ 25ರಿಂದ 30 ನಿಮಿಷ. ಮೊದಲು ವಿನೆಗರ್ ಘಾಟು, ಆಮೇಲೆ ಕೇಕ್ ಬೇಯುವ ಪರಿಮಳ, ನಡುವೆ ಅಲ್ಲೊಂದು ಇಲ್ಲೊಂದು ಬೀಜ ಸಿಡಿಯುವ ಸದ್ದು. ಪರಿಮಳ ಚೆನ್ನಾಗಿ ಎದ್ದೊಡನೆ ತೆಗೆದು ಫ್ಯಾನಿನ ಕೆಳಗೆ ಆರಿಸಿ. ಕರಟಿದರೆ ಎಷ್ಟು ಸಕ್ಕರೆ ಹಾಕಿದರೂ ಮುಚ್ಚಲಾಗದು. ತಣಿದ ಮೇಲೆ ಜಜ್ಜಿ, ಗೆರಸೆಯಲ್ಲಿ ಕೇರಿದರೆ ಸಿಪ್ಪೆ ಹಾರಿ ಬೇಳೆ ಉಳಿಯುತ್ತದೆ. ಪೇಟೆಯವರು ಹೇರ್ ಡ್ರೈಯರ್ ಹಿಡಿದು ಪಡುವ ಕಷ್ಟವನ್ನು ನಮ್ಮ ಅಮ್ಮಂದಿರ ಕೈ ಎರಡು ನಿಮಿಷದಲ್ಲಿ ಮುಗಿಸುತ್ತದೆ. ಒಂದು ಕೆ.ಜಿ. ಒಣಬೀಜಕ್ಕೆ 750ರಿಂದ 800 ಗ್ರಾಂ ಬೇಳೆ. ಕೇರಿದ ಸಿಪ್ಪೆಯನ್ನು ನಾಯಿ ತಿನ್ನುವ ಕಡೆ ಚೆಲ್ಲಬೇಡಿ, ಅದರಲ್ಲಿರುವ ಥಿಯೋಬ್ರೋಮಿನ್ ನಾಯಿಗೆ ವಿಷ.

ಇನ್ನು ಅರೆಯುವುದು. ಇಡ್ಲಿ ಹಿಟ್ಟು ಅರೆಯುವ ಕಲ್ಲಿನ ಗ್ರೈಂಡರ್ ಇದೆಯಲ್ಲ, ಅದನ್ನೇ ಅಷ್ಟಿಷ್ಟು ಬದಲಿಸಿ ಹೊರದೇಶಗಳ ಸಣ್ಣ ಚಾಕೊಲೇಟ್ ತಯಾರಕರೂ ಬಳಸುತ್ತಾರೆ. ಕೊಯಮತ್ತೂರಿನಲ್ಲಿ ಮಾಡಿದ ಯಂತ್ರಗಳು ಅಮೆರಿಕದವರೆಗೆ ಹೋಗಿವೆ. ಹಾಗೆಂದು ಮನೆಯ ಗ್ರೈಂಡರಿಗೆ ಕೊಕ್ಕೋ ಹಾಕಬೇಡಿ. ಅದರ ಮೋಟಾರು ಅರ್ಧ ಗಂಟೆಯ ಕೆಲಸಕ್ಕೆ ಮಾಡಿದ್ದು, ಇದಕ್ಕೆ ಬೇಕಾದದ್ದು 24ರಿಂದ 48 ಗಂಟೆ. ಕಲ್ಲಿನ ಸಂದಿಯಲ್ಲಿ ಉಳಿದ ತೇವವೂ ಕೆಲಸ ಕೆಡಿಸುತ್ತದೆ. ಶೇಕಡಾ 70ರ ಡಾರ್ಕ್ ಚಾಕೊಲೇಟಿಗೆ 700 ಗ್ರಾಂ ಬೇಳೆ, 300 ಗ್ರಾಂ ಸಕ್ಕರೆ. ಕಲ್ಲನ್ನೂ ಬೇಳೆಯನ್ನೂ ಮೊದಲು ಬೆಚ್ಚಗೆ ಮಾಡಿಕೊಂಡು, ಬೇಳೆಯನ್ನು ಹಿಡಿ ಹಿಡಿಯಾಗಿ ಹಾಕುತ್ತಾ ಹೋಗಬೇಕು. ಒಮ್ಮೆಲೇ ಸುರಿದರೆ ಕಲ್ಲು ಕಚ್ಚಿ ನಿಲ್ಲುತ್ತದೆ. ಬೇಳೆ ತನ್ನ ಕೊಬ್ಬಿನಲ್ಲೇ ಕರಗಿ ನೀರಾಗುತ್ತದೆ. ಆಮೇಲೆ ಸಕ್ಕರೆ. ಕಣ 30 ಮೈಕ್ರಾನಿಗಿಂತ, ಅಂದರೆ ಮಿಲಿಮೀಟರಿನ ಸಾವಿರದಲ್ಲಿ 30 ಪಾಲಿಗಿಂತ ದೊಡ್ಡದಿದ್ದರೆ ನಾಲಿಗೆಗೆ ಮರಳಿನಂತೆ ಸಿಗುತ್ತದೆ, 20ರ ಆಸುಪಾಸಿಗೆ ಬಂದರೆ ನಯ. ಮುಚ್ಚಳ ಸ್ವಲ್ಪ ತೆರೆದಿಟ್ಟರೆ ಉಳಿದ ಹುಳಿ ಆವಿಯಾಗಿ ಹೋಗುತ್ತದೆ.

ಸಕ್ಕರೆಗೆ ಬದಲು ಬೆಲ್ಲ ಹಾಕಬಹುದೇ ಎಂದು ತುಂಬ ಜನ ಕೇಳುತ್ತಾರೆ. ಬೆಲ್ಲದಲ್ಲಿ ತೇವವಿದೆ. ಒಂದು ಕೆ.ಜಿ. ಕರಗಿದ ಚಾಕೊಲೇಟಿಗೆ ಒಂದು ಚಮಚ ನೀರು ಬಿದ್ದರೆ ಸಾಕು, ಸಕ್ಕರೆ ಕಣಗಳು ಒದ್ದೆಯಾಗಿ ಒಂದಕ್ಕೊಂದು ಅಂಟಿ ಇಡೀ ರಾಶಿ ಮಣ್ಣಿನ ಮುದ್ದೆಯಂತಾಗುತ್ತದೆ. ಬೆಲ್ಲ ಹಾಕುವುದಾದರೆ ತುರಿದು, ಓವನ್ನಿನ ಸಣ್ಣ ಶಾಖದಲ್ಲಿ ಗರಿಗರಿಯಾಗಿ ಒಣಗಿಸಿದ ಪುಡಿಯೇ ಆಗಬೇಕು. ತರಗತಿಯಲ್ಲಿ ಬಿಸಿನೀರಿನ ಪಾತ್ರೆಯ ಮೇಲೆ ಚಾಕೊಲೇಟ್ ಕರಗಿಸುವಾಗಲೂ ಇದೇ ಅಪಾಯ. ಮೇಲಿನ ಬೋಗುಣಿ ಕೆಳಗಿನ ಪಾತ್ರೆಯ ಬಾಯಿಯನ್ನು ಪೂರ್ತಿ ಮುಚ್ಚಬೇಕು, ತೆಗೆದೊಡನೆ ತಳ ಒರೆಸಬೇಕು, ಸಟ್ಟುಗ ಒಣಗಿರಬೇಕು.

ಈಗ ಕಷ್ಟದ ಭಾಗ, ಟೆಂಪರಿಂಗ್. ಬೆಲ್ಲದ ಪಾಕಕ್ಕೆ ಎಳೆ ನೋಡುವ ಹಾಗೆ ಚಾಕೊಲೇಟಿಗೂ ಒಂದು ಹದ. ಕೊಕ್ಕೋ ಬೆಣ್ಣೆ ಹರಳಾಗಿ ಗಟ್ಟಿಯಾಗುವುದಕ್ಕೆ ಆರು ರೂಪಗಳಿವೆ. ನಮಗೆ ಬೇಕಾದದ್ದು ಐದನೆಯದು: ಹೊಳಪು, ಮುರಿದರೆ ಟಕ್ ಎನ್ನುವ ಸದ್ದು, ಸುಮಾರು 34 ಡಿಗ್ರಿಗೆ ಕರಗುವ ಗುಣ ಎಲ್ಲ ಅದರಲ್ಲಿದೆ. ನಾಲ್ಕನೆಯ ರೂಪ 27, 28 ಡಿಗ್ರಿಗೇ ಕರಗುತ್ತದೆ. ಕಾಸರಗೋಡಿನ ಏಪ್ರಿಲ್ ಮಧ್ಯಾಹ್ನ ಅದಕ್ಕಿಂತ ಬಿಸಿ. ಹದ ತಪ್ಪಿದ ಚಾಕೊಲೇಟ್ ಊಟಿಯಲ್ಲಿ ಹೇಗೋ ಗಟ್ಟಿಯಾಗಿ ನಿಂತು, ನಮ್ಮೂರಿಗೆ ಬಂದಾಗ ಕೆಸರಾಗುವುದು ಇದಕ್ಕೇ.

ಡಾರ್ಕ್ ಚಾಕೊಲೇಟಿಗೆ ಲೆಕ್ಕ ಹೀಗೆ. ಮೊದಲು 45ರಿಂದ 50 ಡಿಗ್ರಿಗೆ ಏರಿಸಿ ಹಳೆಯ ಹರಳುಗಳನ್ನೆಲ್ಲ ಕರಗಿಸಬೇಕು. ಅಮೃತಶಿಲೆಯ ಹಲಗೆ ಇದ್ದರೆ ಮೂರರಲ್ಲಿ ಎರಡು ಪಾಲು ಅದರ ಮೇಲೆ ಹೊಯ್ದು, ಹರಡಿ, ಬಾಚಿ, ಮತ್ತೆ ಹರಡಿ 27–28ಕ್ಕೆ ಇಳಿಸಿ, ಉಳಿದ ಬಿಸಿ ಪಾಲಿಗೆ ಸೇರಿಸಿ 31–32ಕ್ಕೆ ತರಬೇಕು. ಮನೆಯವರಿಗೆ ನಾನು ಹೇಳುವುದು ಹದವಾದ ಚಾಕೊಲೇಟನ್ನೇ ಬೀಜವಾಗಿ ಹಾಕುವ ಕ್ರಮ, ಮೊಸರಿಗೆ ಹೆಪ್ಪು ಹಾಕಿದಂತೆ. 750 ಗ್ರಾಂ ಕರಗಿಸಿ, ಅದಕ್ಕೆ ಆಗಲೇ ಹದವಾಗಿರುವ 250 ಗ್ರಾಂ ಚಾಕೊಲೇಟನ್ನು ಸಣ್ಣಗೆ ಹೆಚ್ಚಿ ಸ್ವಲ್ಪ ಸ್ವಲ್ಪವೇ ಸೇರಿಸಿ, ಬಿಡದೆ ಕದಡುತ್ತಾ 32ಕ್ಕೆ ಇಳಿಸಿ. ಕರಗದೆ ಉಳಿದ ಚೂರು ತೆಗೆದುಬಿಡಿ. ಹಾಲಿನ ಚಾಕೊಲೇಟಾದರೆ 29–30ಕ್ಕೆ ಇಳಿಸಿ. ಚಾಕುವಿನ ತುದಿ ಅದ್ದಿ ಇಡಿ: ಕೋಣೆ 20–22 ಡಿಗ್ರಿ ಇದ್ದರೆ ಐದು ನಿಮಿಷದೊಳಗೆ ಗೆರೆಯಿಲ್ಲದೆ ಹೊಳೆದು ಗಟ್ಟಿಯಾಗಬೇಕು. ಗೆರೆ ಬಿದ್ದರೆ, ಅಂಟಂಟಾಗಿ ಉಳಿದರೆ ಹೊಯ್ಯಬೇಡಿ. ಮತ್ತೆ 45ಕ್ಕೆ ಏರಿಸಿ ಮೊದಲಿನಿಂದ ಶುರು ಮಾಡಿ. ಚಾಕೊಲೇಟ್ ಹಾಳಾಗಿಲ್ಲ, ಹೊತ್ತು ಮಾತ್ರ ಹೋಯಿತು. ಏಸಿ ಇಲ್ಲದಿದ್ದರೆ ಮನೆಯಲ್ಲಿ ಈ ಕೆಲಸವನ್ನು ಡಿಸೆಂಬರ್, ಜನವರಿಯ ಬೆಳಗಿನ ಜಾವಕ್ಕೆ ಇಟ್ಟುಕೊಳ್ಳಿ.

ತೆಳುವಾಗಲಿ, ಹೊಳೆಯಲಿ ಎಂದು ಒಂದು ಚಮಚ ತೆಂಗಿನೆಣ್ಣೆ ಹಾಕಲು ನಮ್ಮವರ ಕೈ ಮುಂದಾಗುತ್ತದೆ. ತೆಂಗಿನೆಣ್ಣೆಗೂ ಕೊಕ್ಕೋ ಬೆಣ್ಣೆಗೂ ಹರಳಿನಲ್ಲಿ ಹೊಂದಾಣಿಕೆಯಿಲ್ಲ. ಬೆರೆಸಿದರೆ ಚಾಕೊಲೇಟ್ ಇನ್ನಷ್ಟು ಮೆತ್ತಗಾಗುತ್ತದೆ, ಕೆಲವು ದಿನಕ್ಕೆ ಬಿಳಿಚುತ್ತದೆ. ತೆಂಗು ಬೇಕಿದ್ದರೆ ಹುರಿದ ಕೊಬ್ಬರಿ ತುರಿ ಹಾಕಿ. ಹಸಿ ತುರಿ ಹಾಕಿದರೆ ಎರಡೇ ದಿನದಲ್ಲಿ ಕೆಡುತ್ತದೆ. ಗೇರುಬೀಜವನ್ನು ಹುರಿದು ಪೂರ್ತಿ ಆರಿಸಿಯೇ ಸೇರಿಸಬೇಕು, ಬಿಸಿ ಗೇರುಬೀಜ ತನ್ನ ಸುತ್ತಲಿನ ಹದವನ್ನು ಒಡೆಯುತ್ತದೆ. ಕಾಳುಮೆಣಸು ತರಿತರಿಯಾಗಿ ಕುಟ್ಟಿದ್ದು ಶೇಕಡಾ 70ರ ಚಾಕೊಲೇಟಿಗೆ ಬಹಳ ಒಪ್ಪುತ್ತದೆ, 100 ಗ್ರಾಂಗೆ ಕಾಲು ಚಮಚ ಸಾಕು.

ಅಚ್ಚನ್ನು ಹತ್ತಿಯಿಂದ ಒರೆಸಿ, ಹೊಯ್ದು, ಗುಳ್ಳೆ ಹೋಗುವಂತೆ ಮೇಜಿಗೆ ತಟ್ಟಿ, 10–15 ನಿಮಿಷ ಫ್ರಿಜ್ಜಿನಲ್ಲಿಡಿ. ಹದವಾಗಿ ಕೂತ ಚಾಕೊಲೇಟ್ ಕುಗ್ಗುತ್ತದೆ, ಅಚ್ಚು ಮಗುಚಿದರೆ ತಾನಾಗಿ ಬೀಳುತ್ತದೆ. ಕೆರೆದು ತೆಗೆಯಬೇಕಾಗಿ ಬಂದರೆ ಹದ ಸಿಕ್ಕಿಲ್ಲ.

ಮನೆಗೆ ತರುವಾಗ ಗಾಳಿಯಾಡದ ಡಬ್ಬಿಗೆ ಹಾಕಿ, ಪತ್ರಿಕೆ ಸುತ್ತಿ, ಐಸ್ ಪೆಟ್ಟಿಗೆಯಲ್ಲಿಡಿ. ನಿಲ್ಲಿಸಿದ ಕಾರಿನೊಳಗೆ ಬಿಡಬೇಡಿ. ಮನೆಯಲ್ಲಿ ಫ್ರಿಜ್ಜಿನಿಂದ ತೆಗೆದರೆ ಡಬ್ಬಿ ಹೊರಗಿನ ಶಾಖಕ್ಕೆ ಬರುವವರೆಗೆ ಮುಚ್ಚಳ ತೆರೆಯಬಾರದು. ತೆರೆದರೆ ನಮ್ಮ ಕಡಲ ಗಾಳಿಯ ತೇವ ಚಾಕೊಲೇಟಿನ ಮೇಲೆ ನೀರಾಗಿ ಕೂರುತ್ತದೆ, ಸಕ್ಕರೆ ಕರಗಿ ಮತ್ತೆ ಒಣಗಿ ಒರಟು ಬಿಳಿ ಪದರವಾಗುತ್ತದೆ. ಬಿಳಿಚಿದ ತುಂಡನ್ನು ಬೆರಳಿನಿಂದ ಉಜ್ಜಿ ನೋಡಿ. ಬಿಳಿ ಕರಗಿ ಮಾಯವಾದರೆ ಅದು ಮೇಲೆ ಬಂದ ಕೊಬ್ಬು, ಕರಗಿಸಿ ಮತ್ತೆ ಹದ ಮಾಡಿದರೆ ಮೊದಲಿನಂತಾಗುತ್ತದೆ. ಒರಟಾಗಿಯೇ ಉಳಿದರೆ ಸಕ್ಕರೆ. ಅಂಥದನ್ನು ಎಸೆಯಬೇಡಿ, 30 ಗ್ರಾಂ ಚೂರಿಗೆ ಒಂದು ಲೋಟ ಕುದಿಯುವ ಹಾಲು ಹೊಯ್ದು ಕಡೆದು ಮಕ್ಕಳಿಗೆ ಕೊಡಿ.

ನಮಸ್ಕಾರ.