ಲೂಯಿಸ್ ಟ್ಯಾಪನ್: ಬಿಡುಗಡೆಯ ಲೆಕ್ಕ ಬರೆದ ವರ್ತಕ

ಅಧ್ಯಕ್ಷರೇ, ವಾಣಿಜ್ಯ ವಿಭಾಗದ ಅಧ್ಯಾಪಕರೇ, ವಿದ್ಯಾರ್ಥಿ ಮಿತ್ರರೇ,

ಬ್ಯಾಂಕಿಗೆ ಸಾಲ ಕೇಳಲು ಹೋದವರಿಗೆಲ್ಲ ಸಿಬಿಲ್ ಎಂಬ ಹೆಸರು ಪರಿಚಿತ. 2000ದಲ್ಲಿ, ಸಾಲಗಾರರ ಮರುಪಾವತಿಯ ದಾಖಲೆ ಇಡುವ ಆ ಸಂಸ್ಥೆ ಹುಟ್ಟಿದಾಗ ಅದರ ಪಾಲುದಾರರಲ್ಲಿ ಡನ್ ಅಂಡ್ ಬ್ರಾಡ್‌ಸ್ಟ್ರೀಟ್ ಎಂಬ ಅಮೆರಿಕದ ಕಂಪನಿಯ ಭಾರತೀಯ ಅಂಗವೂ ಇತ್ತು. ಆ ಕಂಪನಿಯ ಬೇರು ಹುಡುಕುತ್ತ ಹೋದರೆ 1841ರಲ್ಲಿ ನ್ಯೂಯಾರ್ಕಿನಲ್ಲಿ ತೆರೆದ ಒಂದು ಕಚೇರಿ ಸಿಗುತ್ತದೆ. ಅದನ್ನು ತೆರೆದ ಲೂಯಿಸ್ ಟ್ಯಾಪನ್ ಅದೇ ವರ್ಷ ಅಮೆರಿಕದ ಸರ್ವೋಚ್ಚ ನ್ಯಾಯಾಲಯದಲ್ಲಿ ಆಫ್ರಿಕಾದ ಬಂದಿಗಳ ಬಿಡುಗಡೆಯ ಮೊಕದ್ದಮೆಯೊಂದನ್ನು ಗೆಲ್ಲಿಸಿಕೊಂಡಿದ್ದ. ಈ ಎರಡು ಕೆಲಸಗಳನ್ನು ಸಾಮಾನ್ಯವಾಗಿ ಎರಡು ಬೇರೆ ಪುಸ್ತಕಗಳಲ್ಲಿ ಓದುತ್ತೇವೆ. ಇವು ಒಂದೇ ಕೈಯ ಕೆಲಸ, ಒಂದೇ ಕಸುಬಿನ ಕೆಲಸ ಎಂದು ತೋರಿಸುವುದಕ್ಕಾಗಿ ಇವತ್ತು ಈ ವಿಷಯ ಆರಿಸಿಕೊಂಡಿದ್ದೇನೆ.

ಲೂಯಿಸ್ ಹುಟ್ಟಿದ್ದು 1788ರಲ್ಲಿ, ಮ್ಯಾಸಚೂಸೆಟ್ಸ್‌ನ ನಾರ್ತಾಂಪ್ಟನ್ ಎಂಬ ಊರಿನಲ್ಲಿ. ತಂದೆಯದು ಅಂಗಡಿ. ತಾಯಿ ಕಟ್ಟುನಿಟ್ಟಿನ ದೈವಭಕ್ತೆ. ಹದಿಹರೆಯದಲ್ಲೇ ಬಾಸ್ಟನ್ನಿನ ಜವಳಿ ಅಂಗಡಿಯೊಂದರಲ್ಲಿ ಕೆಲಸಕ್ಕೆ ಸೇರಿದ. ಮುಂದೆ ಸ್ವಂತ ವ್ಯಾಪಾರ ಮಾಡಿ ಗಳಿಸಿದ, ಬಟ್ಟೆ ಗಿರಣಿಗಳಿಗೆ ಹಣ ಹಾಕಿ ಕಳೆದುಕೊಂಡ. 1828ರಲ್ಲಿ ನ್ಯೂಯಾರ್ಕಿಗೆ ಬಂದು ಅಣ್ಣ ಆರ್ಥರ್ ಟ್ಯಾಪನ್ನನ ರೇಷ್ಮೆ ವ್ಯಾಪಾರದಲ್ಲಿ ಪಾಲುದಾರನಾದ. ಪರ್ಲ್ ಸ್ಟ್ರೀಟ್‌ನಲ್ಲಿದ್ದ ಆ ಮಳಿಗೆಯಲ್ಲಿ ಚೌಕಾಸಿ ಇರಲಿಲ್ಲ, ಎಲ್ಲರಿಗೂ ಒಂದೇ ದರ. ಅಣ್ಣ ಮಿತಭಾಷಿ; ತಮ್ಮನಿಗೆ ಪತ್ರ ಬರೆಯುವುದು, ಸಮಿತಿ ಕಟ್ಟುವುದು, ಚಂದಾ ಎತ್ತುವುದು ಎಂದರೆ ಹಬ್ಬ.

ಆ ಕಾಲದ ನ್ಯೂಯಾರ್ಕಿನ ವರ್ತಕರ ಸ್ಥಿತಿಯನ್ನು ಸ್ವಲ್ಪ ನೆನಪಿನಲ್ಲಿಡಬೇಕು. ದಕ್ಷಿಣದ ರಾಜ್ಯಗಳಲ್ಲಿ ಗುಲಾಮರು ಬೆಳೆದ ಹತ್ತಿಯನ್ನು ಯುರೋಪಿಗೆ ಸಾಗಿಸುವುದು, ಅದಕ್ಕೆ ವಿಮೆ ಮಾಡುವುದು, ತೋಟದ ಯಜಮಾನರಿಗೆ ಮುಂಗಡ ಕೊಡುವುದು, ಅವರಿಗೆ ಬೇಕಾದ ಸರಕನ್ನು ಉದ್ರಿ ಮಾರುವುದು, ಇವೆಲ್ಲ ನಡೆಯುತ್ತಿದ್ದುದು ಈ ನಗರದ ಗಲ್ಲಿಗಳಲ್ಲಿ. ಗುಲಾಮಗಿರಿ ಎಲ್ಲೋ ದೂರದ ಪಾಪ ಎಂದು ಕೈತೊಳೆದುಕೊಳ್ಳುವಂತಿರಲಿಲ್ಲ. ಅಲ್ಲಿನ ವರ್ತಕನೊಬ್ಬ ಅದನ್ನು ವಿರೋಧಿಸಿದರೆ ತನ್ನದೇ ಗಿರಾಕಿಗಳನ್ನು ಎದುರು ಹಾಕಿಕೊಂಡಂತೆ. 1833ರ ಡಿಸೆಂಬರಿನಲ್ಲಿ ಫಿಲಡೆಲ್ಫಿಯಾದಲ್ಲಿ ಅಮೆರಿಕದ ಗುಲಾಮಗಿರಿ ವಿರೋಧಿ ಸಂಘ ಹುಟ್ಟಿದಾಗ ಅದರ ಮೊದಲ ಅಧ್ಯಕ್ಷನಾದವನು ಆರ್ಥರ್. ಲೂಯಿಸ್ ಅದರ ಬೆನ್ನೆಲುಬಾಗಿ ನಿಂತ.

ಫಲ ಬಹಳ ಬೇಗ ಸಿಕ್ಕಿತು. 1834ರ ಜುಲೈ ತಿಂಗಳಲ್ಲಿ ನ್ಯೂಯಾರ್ಕಿನಲ್ಲಿ ಕೆಲವು ದಿನ ದೊಂಬಿ ನಡೆಯಿತು. ಕಪ್ಪುಜನರ ಮನೆಗಳು, ಚರ್ಚುಗಳು ಹಾಳಾದವು. ರೋಸ್ ಸ್ಟ್ರೀಟ್‌ನಲ್ಲಿದ್ದ ಲೂಯಿಸನ ಮನೆಗೂ ಗುಂಪು ನುಗ್ಗಿತು. ಹೆಂಡತಿ ಮಕ್ಕಳನ್ನು ಅವನು ಮೊದಲೇ ಬೇರೆಡೆಗೆ ಸಾಗಿಸಿದ್ದರಿಂದ ಜೀವಗಳು ಉಳಿದವು. ಕಿಟಕಿ ಬಾಗಿಲು ಒಡೆದವರು ಮೇಜು, ಕುರ್ಚಿ, ಹಾಸಿಗೆಗಳನ್ನೆಲ್ಲ ಬೀದಿಗೆ ಎಳೆದು ರಾಶಿ ಹಾಕಿ ಬೆಂಕಿ ಇಟ್ಟರು. ಅಷ್ಟರಲ್ಲಿ ಒಬ್ಬನ ಕೈಗೆ ಜಾರ್ಜ್ ವಾಷಿಂಗ್ಟನ್ನನ ಚಿತ್ರಪಟ ಸಿಕ್ಕಿತಂತೆ. ಅದನ್ನು ಮಾತ್ರ ಸುಡಬೇಡಿ ಎಂದು ಗುಂಪಿನೊಳಗಿಂದಲೇ ಕೂಗೆದ್ದು, ಪಟವನ್ನು ಜೋಪಾನವಾಗಿ ಬದಿಗಿಟ್ಟರಂತೆ. ದೇಶಭಕ್ತಿಯ ಹೆಸರಿನಲ್ಲಿ ನೆರೆಮನೆ ಸುಡುವವರ ಮನಸ್ಸು ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ಅರಿಯಲು ಈ ಒಂದು ಪಟದ ಸಂಗತಿ ಸಾಕು.

ನಂತರ ಲೂಯಿಸ್ ಮಾಡಿದ್ದು ಇನ್ನೂ ಗಮನಾರ್ಹ. ಆ ಬೇಸಿಗೆಯಿಡೀ ಅವನು ಮನೆಯ ರಿಪೇರಿಗೆ ಕೈ ಹಾಕಲಿಲ್ಲ. ಒಡೆದ ಕಿಟಕಿಗಳು, ಮಸಿ ಹತ್ತಿದ ಗೋಡೆ ಹಾಗೆಯೇ ಇರಲಿ, ನೋಡಲು ಬರುವ ಜನಕ್ಕೆ ಗುಲಾಮಗಿರಿ ಏನು ಮಾಡಬಲ್ಲದು ಎಂದು ಮನೆಯೇ ಹೇಳಲಿ ಎಂದ. ನಷ್ಟವನ್ನೂ ದುಡಿಮೆಗೆ ಹಚ್ಚುವ ಬುದ್ಧಿ ಇದು. ವ್ಯಾಪಾರಿಯ ಬುದ್ಧಿ ಎಂದು ನಾನು ಮೆಚ್ಚಿ ಹೇಳುತ್ತಿದ್ದೇನೆ.

ಮರುವರ್ಷ ಸಂಘ ಹಿಡಿದ ದಾರಿಯೂ ಅಂಥದೇ. ಉಗಿಯಂತ್ರದ ಮುದ್ರಣದಿಂದ ಕಾಗದದ ಬೆಲೆಗೆ ಪತ್ರಿಕೆ ಅಚ್ಚಾಗುವ ಕಾಲ ಬಂದಿತ್ತು. ಊರೂರಿನ ಪಾದ್ರಿಗಳು, ವಕೀಲರು, ನ್ಯಾಯಾಧೀಶರು, ವರ್ತಕರು, ಹೀಗೆ ಹೆಸರು ವಿಳಾಸಗಳ ಪಟ್ಟಿ ತಯಾರಿಸಿ ಲಕ್ಷಗಟ್ಟಲೆ ಕರಪತ್ರಗಳನ್ನು ಅಂಚೆಯಲ್ಲಿ ಕಳಿಸಿದರು. ಸರಕಿನ ಬೆಲೆಪಟ್ಟಿ ಕಳಿಸುವ ಕ್ರಮದಲ್ಲೇ ಆತ್ಮಸಾಕ್ಷಿಗೂ ಪತ್ರ ಹೋಯಿತು. 1835ರ ಜುಲೈ ಕೊನೆಯಲ್ಲಿ ದಕ್ಷಿಣ ಕ್ಯಾರೊಲೈನಾದ ಚಾರ್ಲ್ಸ್‌ಟನ್‌ನಲ್ಲಿ ಜನ ಅಂಚೆ ಕಚೇರಿಗೆ ನುಗ್ಗಿ ಆ ಚೀಲಗಳನ್ನು ಹೊತ್ತೊಯ್ದು ಸುಟ್ಟರು, ಜೊತೆಗೆ ಆರ್ಥರ್ ಟ್ಯಾಪನ್ನನ ಪ್ರತಿಕೃತಿಯನ್ನೂ ಸುಟ್ಟರು. ದಕ್ಷಿಣದ ವ್ಯಾಪಾರಿಗಳು ಟ್ಯಾಪನ್ ಮಳಿಗೆಗೆ ಬೆನ್ನು ಹಾಕಿದರು. ಈ ಚಳವಳಿ ಬಿಟ್ಟುಬಿಡು ಎಂದು ಬುದ್ಧಿ ಹೇಳಬಂದ ಸಹವರ್ತಕರಿಗೆ ಆರ್ಥರ್, ಅದಕ್ಕಿಂತ ನೇಣಿಗೇರುವುದೇ ಲೇಸು ಎಂದು ಹೇಳಿ ಕಳಿಸಿದ. ಅದೇ ವರ್ಷ ಡಿಸೆಂಬರಿನಲ್ಲಿ ನ್ಯೂಯಾರ್ಕನ್ನು ಸುಟ್ಟ ಮಹಾ ಬೆಂಕಿಯಲ್ಲಿ ಅವರ ಮಳಿಗೆಯೂ ಹೋಯಿತು.

1837ರ ಹಣಕಾಸಿನ ಕುಸಿತ ಉಳಿದದ್ದನ್ನು ಮುಗಿಸಿತು. ಹಳ್ಳಿ ಪಟ್ಟಣಗಳ ಅಂಗಡಿಕಾರರಿಗೆ ಕೊಟ್ಟ ಉದ್ರಿ ವಸೂಲಾಗಲಿಲ್ಲ. ಹನ್ನೊಂದು ಲಕ್ಷ ಡಾಲರಿಗೂ ಮಿಕ್ಕಿದ ಬಾಕಿಯೊಂದಿಗೆ ಸಂಸ್ಥೆ ಪಾವತಿ ನಿಲ್ಲಿಸಿತು. ಕೊನೆಗೆ ಅಣ್ಣತಮ್ಮಂದಿರು ಆ ಸಾಲ ತೀರಿಸಿದರು, ಆದರೆ ಹಳೆಯ ವೈಭವ ತಿರುಗಿ ಬರಲಿಲ್ಲ.

ಹೀಗೆ ಕೈ ಬರಿದಾಗಿದ್ದ ಹೊತ್ತಿನಲ್ಲಿ ಅಮಿಸ್ಟಾಡ್ ಪ್ರಸಂಗ ಎದುರಾಯಿತು. ಇದನ್ನು ಸ್ವಲ್ಪ ವಿವರವಾಗಿ ಹೇಳಬೇಕು. 1839ರಲ್ಲಿ ಕ್ಯೂಬಾದ ಹವಾನಾದಲ್ಲಿ ಐವತ್ತಮೂರು ಮಂದಿ ಆಫ್ರಿಕನ್ನರನ್ನು ಇಬ್ಬರು ಸ್ಪೇನ್ ಮೂಲದ ತೋಟಗಾರರು ಕೊಂಡು ಅಮಿಸ್ಟಾಡ್ ಎಂಬ ಹಡಗಿನಲ್ಲಿ ಸಾಗಿಸುತ್ತಿದ್ದರು. ಸೆಂಗ್‌ಬೆ ಪಿಯೆ ಎಂಬವನ ಮುಂದಾಳತ್ವದಲ್ಲಿ ಅವರು ಬೇಡಿ ಕಳಚಿಕೊಂಡು ಹಡಗು ವಶಪಡಿಸಿಕೊಂಡರು, ಆಫ್ರಿಕಾದ ಕಡೆ ನಡೆಸು ಎಂದರು. ತೋಟಗಾರರು ಹಗಲು ಪೂರ್ವಕ್ಕೆ, ರಾತ್ರಿ ಉತ್ತರಕ್ಕೆ ತಿರುಗಿಸುತ್ತ ವಂಚಿಸಿದರು. ಆಗಸ್ಟಿನಲ್ಲಿ ನ್ಯೂಯಾರ್ಕಿನ ಲಾಂಗ್ ಐಲೆಂಡ್ ಬಳಿ ಅಮೆರಿಕದ ನೌಕಾಪಡೆ ಹಡಗನ್ನು ಹಿಡಿಯಿತು. ಬದುಕುಳಿದವರು ಕನೆಕ್ಟಿಕಟ್‌ನ ನ್ಯೂ ಹೇವನ್ ಜೈಲು ಸೇರಿದರು.

ಲೂಯಿಸ್ ಇಬ್ಬರು ಗೆಳೆಯರೊಂದಿಗೆ ಸೇರಿ ಸೆಪ್ಟೆಂಬರ್ ಮೊದಲ ವಾರದಲ್ಲೇ ಸಮಿತಿ ಕಟ್ಟಿ, ಪತ್ರಿಕೆಗಳಲ್ಲಿ ನೆರವು ಕೋರಿ, ವಕೀಲರನ್ನು ಗೊತ್ತುಮಾಡಿದ. ಮೊಕದ್ದಮೆಯ ತಿರುಳು ಇಷ್ಟು: ಆಫ್ರಿಕಾದಿಂದ ಗುಲಾಮರನ್ನು ತರುವುದನ್ನು ಸ್ಪೇನ್ ಆಗಲೇ ನಿಷೇಧಿಸಿತ್ತು. ಈ ಜನ ಕ್ಯೂಬಾದಲ್ಲೇ ಹುಟ್ಟಿದವರಾದರೆ ಗುಲಾಮರು. ಇತ್ತೀಚೆಗೆ ಆಫ್ರಿಕಾದಿಂದ ತಂದವರಾದರೆ ಸ್ಪೇನಿನ ಕಾನೂನಿನ ಪ್ರಕಾರವೇ ಸ್ವತಂತ್ರರು. ಕಾಗದಪತ್ರದಲ್ಲಿ ಅವರಿಗೆ ಸ್ಪ್ಯಾನಿಷ್ ಹೆಸರು ಬರೆದಿತ್ತು. ಸತ್ಯ ಹೇಳಬೇಕಾದವರು ಅವರೇ, ಅವರ ಮಾತು ಅಲ್ಲಿ ಯಾರಿಗೂ ಬರುತ್ತಿರಲಿಲ್ಲ.

ಯೇಲ್ ವಿಶ್ವವಿದ್ಯಾಲಯದ ಭಾಷಾ ಪ್ರಾಧ್ಯಾಪಕ ಜೋಸಿಯಾ ಗಿಬ್ಸ್ ಜೈಲಿಗೆ ಹೋಗಿ ಬೆರಳು ಎತ್ತಿ ತೋರಿಸಿದ: ಒಂದು, ಎರಡು, ಮೂರು. ಅವರು ತಮ್ಮ ಭಾಷೆಯಲ್ಲಿ ಎಣಿಸಿದರು. ಹತ್ತರವರೆಗೆ ಕಲಿತುಕೊಂಡ ಪ್ರಾಧ್ಯಾಪಕ ನ್ಯೂಯಾರ್ಕಿನ ಹಡಗುಕಟ್ಟೆಗಳಲ್ಲಿ ಅಡ್ಡಾಡುತ್ತ, ಕಪ್ಪು ನಾವಿಕರು ಎದುರಾದಾಗೆಲ್ಲ ಆ ಅಂಕಿಗಳನ್ನು ಗಟ್ಟಿಯಾಗಿ ಹೇಳಿದ. ಬ್ರಿಟಿಷ್ ಹಡಗೊಂದರಲ್ಲಿದ್ದ ಜೇಮ್ಸ್ ಕವಿ ಎಂಬ ಯುವಕನಿಗೆ ಅದು ಅರ್ಥವಾಯಿತು. ಅವನೂ ಹಿಂದೆ ಗುಲಾಮರ ಹಡಗಿನಿಂದ ಬಿಡಿಸಲ್ಪಟ್ಟವನು, ಆ ಬಂದಿಗಳು ಆಡುತ್ತಿದ್ದ ಮೆಂಡೆ ಭಾಷೆ ಬಲ್ಲವನು. ಅವನನ್ನು ನ್ಯೂ ಹೇವನ್ನಿಗೆ ಕರೆತಂದ ದಿನ ಜೈಲಿನಲ್ಲಿ ಎದ್ದ ಸಂತೋಷದ ಕೂಗನ್ನು ಊಹಿಸಿಕೊಳ್ಳಿ.

ಈ ಹೊತ್ತಿನಲ್ಲಿ ಲೂಯಿಸ್ ಮಾಡಿದ್ದು ಭಾಷಣವಲ್ಲ. ಜೈಲಿಗೆ ಹೋಗಿ ಬರುವುದು, ಅಲ್ಲಿ ಪಾಠ ಹೇಳಲು ಏರ್ಪಾಡು ಮಾಡುವುದು, ವಿಚಾರಣೆಯಲ್ಲಿ ಕುಳಿತು ಪತ್ರಿಕೆಗಳಿಗೆ ವರದಿ ಬರೆಯುವುದು, ಬಂದ ಚಂದಾಕ್ಕೆ ಲೆಕ್ಕ ಇಡುವುದು. ಆ ಇಬ್ಬರು ತೋಟಗಾರರು ನ್ಯೂಯಾರ್ಕಿಗೆ ಕಾಲಿಟ್ಟಾಗ, ಬಂದಿಗಳ ಪರವಾಗಿ ಹಲ್ಲೆ ಮತ್ತು ಅಕ್ರಮ ಬಂಧನದ ದೂರು ದಾಖಲಿಸಿ ಅವರನ್ನೇ ಬಂಧಿಸುವಂತೆ ಮಾಡಿದ. ಕೆಳ ನ್ಯಾಯಾಲಯ 1840ರ ಜನವರಿಯಲ್ಲಿ ತೀರ್ಪು ಕೊಡುವ ಹೊತ್ತಿಗೆ, ತೀರ್ಪು ಬಂದೊಡನೆ ಇವರನ್ನು ಕ್ಯೂಬಾಕ್ಕೆ ಒಯ್ಯಲು ಅಧ್ಯಕ್ಷ ವಾನ್ ಬ್ಯೂರನ್ನನ ಸರ್ಕಾರ ನೌಕೆಯೊಂದನ್ನು ಸಿದ್ಧವಾಗಿ ನಿಲ್ಲಿಸಿತ್ತು. ತೀರ್ಪು ಬಂದಿಗಳ ಪರವಾಗಿ ಬಂದು, ನೌಕೆ ಬರಿದೇ ಹಿಂತಿರುಗಿತು. ಸರ್ಕಾರ ಮೇಲ್ಮನವಿ ಹೋಯಿತು. ಸರ್ವೋಚ್ಚ ನ್ಯಾಯಾಲಯದಲ್ಲಿ ವಾದಿಸಲು ಮಾಜಿ ಅಧ್ಯಕ್ಷ ಜಾನ್ ಕ್ವಿನ್ಸಿ ಆಡಮ್ಸ್‌ನನ್ನು, ಎಪ್ಪತ್ತಮೂರು ವರ್ಷದ ಮುದುಕನನ್ನು, ಒಪ್ಪಿಸಿದವರಲ್ಲಿ ಲೂಯಿಸ್ ಒಬ್ಬ. 1841ರ ಮಾರ್ಚ್ 9ರಂದು ಬಿಡುಗಡೆಯ ತೀರ್ಪು ಬಂತು. ಆದರೆ ಊರಿಗೆ ಕಳಿಸುವ ಖರ್ಚು ಸರ್ಕಾರದ್ದಲ್ಲ ಎಂದಾಯಿತು. ಮತ್ತೆ ಚಂದಾ, ಮತ್ತೆ ಲೆಕ್ಕ. ಉಳಿದಿದ್ದ ಮೂವತ್ತೈದು ಮಂದಿ ನವೆಂಬರಿನಲ್ಲಿ ಹಡಗೇರಿ 1842ರ ಜನವರಿಯಲ್ಲಿ ಸಿಯೆರಾ ಲಿಯೋನ್ ತಲುಪಿದರು.

ಈಗ ಆರಂಭದಲ್ಲಿ ಹೇಳಿದ ಆ ಕಚೇರಿಗೆ ಬರೋಣ. ದೂರದ ಅಂಗಡಿಕಾರ ನಂಬಿಕಸ್ಥನೋ ಅಲ್ಲವೋ ಎಂದು ತಿಳಿಯದೆ ಉದ್ರಿ ಕೊಟ್ಟು ಕೆಟ್ಟ ಅನುಭವ ಲೂಯಿಸನದೇ. ಹಾಗಾಗಿ 1841ರ ಬೇಸಿಗೆಯಲ್ಲಿ ಮರ್ಕಂಟೈಲ್ ಏಜೆನ್ಸಿ ಆರಂಭಿಸಿದ. ಪ್ರತಿ ಪಟ್ಟಣದಲ್ಲೂ ಒಬ್ಬ ವರದಿಗಾರ, ಹೆಚ್ಚಾಗಿ ವಕೀಲ, ಅಲ್ಲಿನ ಅಂಗಡಿಕಾರರ ಆಸ್ತಿ, ಸಾಲ, ನಡತೆಯನ್ನು ಬರೆದು ಕಳಿಸಬೇಕು. ಗುಮಾಸ್ತರು ಅದನ್ನು ದಪ್ಪ ಪುಸ್ತಕಗಳಿಗೆ ಏರಿಸುತ್ತಿದ್ದರು. ಚಂದಾದಾರ ವರ್ತಕ ಬಂದು ಕೇಳಿದರೆ ಓದಿ ಹೇಳುತ್ತಿದ್ದರು. ಚಳವಳಿಗಾಗಿ ಊರೂರಲ್ಲಿ ಬೆಳೆಸಿದ್ದ ಪರಿಚಯಗಳು ಇಲ್ಲಿ ಕೆಲಸಕ್ಕೆ ಬಂದವು. ಮುಂದೆ ಈ ಏಜೆನ್ಸಿಗೆ ವರದಿ ಬರೆದ ವಕೀಲರಲ್ಲಿ ಅಬ್ರಹಾಂ ಲಿಂಕನ್ನನೂ ಇದ್ದ. ಆ ಪುಸ್ತಕಗಳ ಎರಡೂವರೆ ಸಾವಿರಕ್ಕೂ ಹೆಚ್ಚು ಸಂಪುಟಗಳು ಈಗ ಹಾರ್ವರ್ಡ್‌ನ ಬೇಕರ್ ಗ್ರಂಥಾಲಯದಲ್ಲಿವೆ. ನಿಮ್ಮಲ್ಲಿ ಯಾರಾದರೂ ಸಂಶೋಧನೆಗೆ ಹೋಗುವುದಾದರೆ ಅವನ್ನು ಮರೆಯಬೇಡಿ.

ಇದರಲ್ಲಿ ಕೇಡೂ ಇತ್ತು, ಮುಚ್ಚಿಡಬಾರದು. ಅಂಗಡಿಕಾರ ಕುಡಿಯುತ್ತಾನೆಯೇ, ಸಂಸಾರ ಸರಿಯಿದೆಯೇ ಎಂಬುದೂ ವರದಿಯಲ್ಲಿ ಬರುತ್ತಿತ್ತು. ಬರೆದವನು ಯಾರು ಎಂದು ಬರೆಸಿಕೊಂಡವನಿಗೆ ತಿಳಿಯುತ್ತಿರಲಿಲ್ಲ. ಓಹಿಯೊದ ವ್ಯಾಪಾರಿಯೊಬ್ಬ ಮಾನನಷ್ಟದ ದಾವೆ ಹೂಡಿ ಹತ್ತು ಸಾವಿರ ಡಾಲರ್ ಪರಿಹಾರದ ತೀರ್ಪನ್ನೂ ಪಡೆದ. ಬಹುಕಾಲದ ಮೇಲೆ, 1870ರಲ್ಲಿ, ಸರ್ವೋಚ್ಚ ನ್ಯಾಯಾಲಯ ಅದನ್ನು ರದ್ದುಮಾಡಿತು. ನನ್ನ ಮಟ್ಟಿಗೆ ಆ ವ್ಯಾಪಾರಿಯ ದೂರಿನಲ್ಲಿ ನ್ಯಾಯವಿತ್ತು.

ಇನ್ನೊಂದು ತಪ್ಪು ನನಗೆ ಹೆಚ್ಚು ನೋವು ಕೊಡುತ್ತದೆ. 1840ರ ಮೇ ತಿಂಗಳಲ್ಲಿ ಗುಲಾಮಗಿರಿ ವಿರೋಧಿ ಸಂಘದ ವಾರ್ಷಿಕ ಸಭೆ ಆಬಿ ಕೆಲ್ಲಿ ಎಂಬ ಮಹಿಳೆಯನ್ನು ಸಮಿತಿಗೆ ಆರಿಸಿದಾಗ, ಲೂಯಿಸ್ ಮತ್ತು ಸಂಗಡಿಗರು ಎದ್ದು ಹೊರಬಂದು ಬೇರೆ ಸಂಘ ಕಟ್ಟಿದರು. ರಾಜಕೀಯದ ಭಿನ್ನಮತ, ಚರ್ಚಿನ ಬಗೆಗಿನ ಜಗಳ ಎಲ್ಲ ಮೊದಲೇ ಹೊಗೆಯಾಡುತ್ತಿದ್ದವು ನಿಜ. ಆದರೂ ಬೀದಿಯಲ್ಲಿ ಕಲ್ಲು ತಿಂದು ಚಳವಳಿ ನಡೆಸಿದ ಆಕೆ ಸಮಿತಿಯಲ್ಲಿ ಕೂರುವುದನ್ನು ಅವನು ಸಹಿಸದೆ ಹೋದದ್ದು ಅವನ ಮನಸ್ಸಿನ ಗಡಿ ಎಲ್ಲಿತ್ತು ಎಂಬುದನ್ನು ತೋರಿಸುತ್ತದೆ.

1849ರಲ್ಲಿ ಏಜೆನ್ಸಿಯ ವ್ಯವಹಾರದಿಂದ ಹೊರಬಂದ ಲೂಯಿಸ್ ಉಳಿದ ಬದುಕನ್ನು ಗುಲಾಮಗಿರಿ ವಿರೋಧದ ಕೆಲಸಕ್ಕೇ ಕೊಟ್ಟ. ಅಮಿಸ್ಟಾಡ್ ಸಮಿತಿಯ ಮುಂದುವರಿಕೆಯಾಗಿ 1846ರಲ್ಲಿ ಹುಟ್ಟಿದ ಅಮೆರಿಕನ್ ಮಿಷನರಿ ಅಸೋಸಿಯೇಷನ್ನಿಗೆ ಅವನು ಬಹುಕಾಲ ಖಜಾಂಚಿ. ಅಂತರ್ಯುದ್ಧ ಶುರುವಾದ 1861ರಲ್ಲೇ, ವರ್ಜೀನಿಯಾದ ಮನ್ರೋ ಕೋಟೆಯ ಬಳಿ ಓಡಿಬಂದ ಗುಲಾಮರ ಮಕ್ಕಳಿಗೆ ಮೇರಿ ಪೀಕ್ ಎಂಬ ಕಪ್ಪು ಶಿಕ್ಷಕಿ ಅಕ್ಷರ ಕಲಿಸುತ್ತಿದ್ದಾಗ ಆಕೆಯ ಬೆಂಬಲಕ್ಕೆ ನಿಂತದ್ದು ಈ ಸಂಸ್ಥೆ. ಯುದ್ಧ ಮುಗಿದ ಮೇಲೆ ಅಟ್ಲಾಂಟ, ಫಿಸ್ಕ್, ಹ್ಯಾಂಪ್ಟನ್, ಟಲಡೀಗ, ಟೂಗಲೂ ಎಂಬ ವಿದ್ಯಾಸಂಸ್ಥೆಗಳು ಅದರ ಆಸರೆಯಲ್ಲಿ ಎದ್ದವು. ಲೂಯಿಸ್ 1873ರಲ್ಲಿ ತೀರಿಕೊಂಡ. ಮುಂದೆ ಅಮೆರಿಕದ ಕಪ್ಪುಜನರ ದೊಡ್ಡ ನಾಯಕರಾದ ಇಬ್ಬರಲ್ಲಿ ಬುಕರ್ ಟಿ. ವಾಷಿಂಗ್ಟನ್ ಆಗ ಹ್ಯಾಂಪ್ಟನ್ನಿನಲ್ಲಿ ಓದುತ್ತಿದ್ದ, ಡಬ್ಲ್ಯೂ. ಇ. ಬಿ. ಡುಬಾಯ್ಸ್ ಇನ್ನೂ ಐದು ವರ್ಷದ ಮಗು, ಮುಂದೆ ಫಿಸ್ಕಿಗೆ ಸೇರಿ 1888ರಲ್ಲಿ ಅಲ್ಲಿಂದ ಪದವಿ ಪಡೆದ.