ರೇಟಿಂಗ್ ಬಿಡಿ, ಅಂಕಪಟ್ಟಿ ತೆಗೀರಿ

ನಮಸ್ಕಾರ. ಹೋದ ಸಂಚಿಕೆ ಕೆಳಗೆ ಬಂದ ಒಂದು ಕಾಮೆಂಟಿಗೆ ಉತ್ತರ ಕೊಡದೆ ಮುಂದೆ ಹೋಗೋ ಹಾಗಿಲ್ಲ. ಚದುರಂಗದಲ್ಲಿ ಅಮೆರಿಕದ ಬಾಬಿ ಫಿಷರ್ ಗರಿಷ್ಠ ರೇಟಿಂಗ್ 2785, ಆನಂದ್‌ದು 2817, ಈಗಿನ ಅಮೆರಿಕನ್ ಆಟಗಾರ ಕರುವಾನಾದು 2844, ಹಾಗಾಗಿ ಮೂವರಲ್ಲಿ ಫಿಷರ್ ಕೊನೆ, ಇದರಲ್ಲಿ ವಾದಕ್ಕೇನಿದೆ ಅಂತ. ಅದಕ್ಕೆ ರಾಶಿ ಲೈಕು ಬೇರೆ.

ವಾದಕ್ಕೆ ಬೇಕಾದಷ್ಟಿದೆ ಸ್ವಾಮಿ. ಒಬ್ಬ ಆಟಗಾರ ಏನು ಸಾಧಿಸಿದ ಅಂತ ತಿಳೀಬೇಕಾದ್ರೆ ರೇಟಿಂಗ್ ಬಿಡಿ, ಟೂರ್ನಿಯ ಅಂಕಪಟ್ಟಿ ತೆಗೀರಿ.

ರೇಟಿಂಗ್ ಅಂದ್ರೆ ಏನು? ಅರ್ಪಾಡ್ ಎಲೊ ಮಾಡಿಕೊಟ್ಟ ಲೆಕ್ಕ, 1970ರಲ್ಲಿ ಅಂತರರಾಷ್ಟ್ರೀಯ ಚದುರಂಗ ಸಂಸ್ಥೆ ಫಿಡೆ ಒಪ್ಪಿಕೊಳ್ತು. ಅದು ಹೇಳೋದು ಇಷ್ಟೇ: ಇವತ್ತು ಇಬ್ಬರು ಎದುರುಬದುರು ಕೂತರೆ ಯಾರಿಗೆ ಎಷ್ಟು ಅಂಕ ಬರಬಹುದು ಅನ್ನೋ ಅಂದಾಜು. ಇಬ್ಬರ ನಡುವೆ 200 ಅಂತರ ಇದ್ರೆ ಮೇಲಿನವನು ನೂರು ಆಟಕ್ಕೆ 76 ಅಂಕ ತೆಗೀಬೇಕು (ಗೆದ್ರೆ ಒಂದು, ಡ್ರಾ ಆದ್ರೆ ಅರ್ಧ). ಬಂದ ಅಂಕಕ್ಕೂ ಅಂದಾಜಿಗೂ ಇರೋ ವ್ಯತ್ಯಾಸವನ್ನ ಒಂದು ಗುಣಕದಿಂದ ಗುಣಿಸ್ತಾರೆ, 2400 ದಾಟಿದವರಿಗೆ ಅದು 10. ಹಾಗಾಗಿ ಆ ಮೇಲಿನವನು ಗೆದ್ರೆ ರೇಟಿಂಗಿಗೆ ಸಿಗೋದು 2.4, ಡ್ರಾ ಆದ್ರೆ ಹೋಗೋದು 2.6. ವಿಶ್ವ ಚಾಂಪಿಯನ್‌ಷಿಪ್ಪಿನ ಕೊನೇ ಆಟ ಆಗಲಿ, ಎಲ್ಲೋ ಒಂದು ಓಪನ್ ಟೂರ್ನಿಯ ಎರಡನೇ ಸುತ್ತಾಗಲಿ, ಈ ಲೆಕ್ಕಕ್ಕೆ ಎರಡೂ ಒಂದೇ.

ಈಗ ಇದನ್ನ ಕೇಳಿ. 1972ರಲ್ಲಿ ರೆಕ್ಯಾವಿಕ್‌ನಲ್ಲಿ ಫಿಷರ್ 12.5-8.5ರಿಂದ ಸ್ಪಾಸ್ಕಿಯನ್ನ ಸೋಲಿಸಿ ವಿಶ್ವ ಚಾಂಪಿಯನ್ ಆದ್ರು. ರೇಟಿಂಗ್ ಏನಾಯ್ತು? 2785 ಇದ್ದದ್ದು 2780ಕ್ಕೆ ಇಳೀತು! ಸ್ಪಾಸ್ಕಿಗೆ 2660, ಅಂತರ 125. ಲೆಕ್ಕದ ಪ್ರಕಾರ ಫಿಷರ್ ಇನ್ನೂ ಜಾಸ್ತಿ ಅಂಕದಿಂದ ಗೆಲ್ಲಬೇಕಿತ್ತು. 2024ರ ಡಿಸೆಂಬರಲ್ಲಿ ಸಿಂಗಪುರದಲ್ಲೂ ಇದೇ ಕಥೆ. ಡಿಂಗ್ ಲಿರೆನ್ ವಿರುದ್ಧ ಗುಕೇಶ್ 7.5-6.5ರಿಂದ ಗೆದ್ದು 18ನೇ ವಯಸ್ಸಿಗೆ ಚಾಂಪಿಯನ್ ಆದ್ರು, ರೇಟಿಂಗ್ 2783ರಿಂದ 2777ಕ್ಕೆ ಬಂತು. ಚದುರಂಗದಲ್ಲಿ ಅದಕ್ಕಿಂತ ದೊಡ್ಡ ಪಟ್ಟ ಇಲ್ಲ. ಅದನ್ನ ಗೆದ್ದವನಿಗೆ ರೇಟಿಂಗ್ ಕಳೆಯೋ ಅಳತೆಗೋಲು ಹಿಡಕೊಂಡು ಸಾಧನೆ ಅಳೀತೀರಾ?

ವಿಡಿಯೊ ಹಿಡಿಸ್ತಿದ್ರೆ ಸಬ್‌ಸ್ಕ್ರೈಬ್ ಆಗಿಬಿಡಿ. ಕನ್ನಡದಲ್ಲಿ ಚದುರಂಗದ ಇತಿಹಾಸವನ್ನ ಪಟ್ಟಿ ಸಮೇತ ಹೇಳ್ತೀವಿ, ಹೇಳ್ತಾನೇ ಇರ್ತೀವಿ.

ನನ್ನ ಈ ವಾದಕ್ಕೆ ಬರೋ ಮೊದಲ ಉತ್ತರ ಗೊತ್ತು: ‘ರೇಟಿಂಗ್ ವೈಜ್ಞಾನಿಕ, ನೀವು ಹೇಳೋದು ಭಾವನೆ.’ ವೈಜ್ಞಾನಿಕ, ಒಪ್ಪಿದೆ, ಒಂದೇ ಕಾಲದಲ್ಲಿ ಆಡೋರ ನಡುವೆ. 1972ರ ರೇಟಿಂಗ್ ಪಟ್ಟಿಯಲ್ಲಿ 2700 ದಾಟಿದ್ದವರು ಒಬ್ಬರೇ, ಫಿಷರ್. ಈಗ ಹತ್ತಾರು ಜನ. ಆ ಗುಂಪಿನ ಸಂಖ್ಯೆ ತಂದು ಈ ಗುಂಪಿನ ಸಂಖ್ಯೆ ಪಕ್ಕ ಇಡೋದು ಯಾವ ವಿಜ್ಞಾನ?

ಅಂಕಪಟ್ಟಿ ಓದೋದೂ ಒಂದು ವಿದ್ಯೆ, ಹೇಳ್ತೀನಿ. ಮೊದಲು ಹೆಸರುಗಳು ನೋಡಿ: ಆ ಕಾಲದ ಮೊದಲ ಹತ್ತರಲ್ಲಿ ಎಷ್ಟು ಜನ ಬಂದಿದ್ರು? ಆಮೇಲೆ ಎಷ್ಟು ಸುತ್ತು, ಒಬ್ಬೊಬ್ಬರ ಜೊತೆ ಒಂದೇ ಆಟವೋ ಬಿಳಿ-ಕಪ್ಪು ಎರಡೂನೋ. ಆಮೇಲೆ ಎರಡನೇ ಸ್ಥಾನದವನಿಗೂ ಗೆದ್ದವನಿಗೂ ಎಷ್ಟು ಅಂತರ. ಇದು ಮುಖ್ಯ, ಅಂಕ ಸಮ ಆಗಿ ಟೈಬ್ರೇಕಲ್ಲಿ ಗೆದ್ದದ್ದೂ ಎರಡು ಅಂಕ ಮುಂದಿದ್ದು ಗೆದ್ದದ್ದೂ ಒಂದಲ್ಲ. ಆಡದೆ ಬಂದ ಅಂಕ ಇದ್ರೆ ಅದನ್ನೂ ಬೇರೆ ಮಾಡಿ. ವಿಶ್ವಪಟ್ಟದ ಅರ್ಹತಾ ಟೂರ್ನಿಯಾದ 1970ರ ಪಾಲ್ಮಾ ಇಂಟರ್‌ಝೋನಲ್ಲಲ್ಲಿ ಫಿಷರ್ 23 ಸುತ್ತಿಗೆ 18.5, ಎರಡನೆಯವರಿಗಿಂತ 3.5 ಮುಂದೆ. ಆದ್ರೆ ಕೊನೇ ಆಟದಲ್ಲಿ ಪಾನ್ನೊ ಒಂದು ನಡೆಯನ್ನೂ ಆಡದೆ ಬಿಟ್ಟುಕೊಟ್ರು. ಆ ಒಂದನ್ನ ತೆಗೆದ್ರೂ ಅಂತರ 2.5 ಉಳಿಯುತ್ತೆ. ಮರುವರ್ಷ, ಚಾಂಪಿಯನ್ನಿಗೆ ಎದುರಾಳಿಯನ್ನ ಆರಿಸೋ ಕ್ಯಾಂಡಿಡೇಟ್ಸ್‌ನಲ್ಲಿ ತೈಮನೊವ್ ವಿರುದ್ಧ 6-0, ಲಾರ್ಸೆನ್ ವಿರುದ್ಧ 6-0, ಪೆಟ್ರೋಸಿಯನ್ ವಿರುದ್ಧ 6.5-2.5. ಆ ಮಟ್ಟದಲ್ಲಿ ಎರಡು ಸಲ 6-0! 2785 ಅಂದಾಗ ಇದೆಲ್ಲ ಕಾಣುತ್ತಾ?

1994ರಲ್ಲಿ ಸ್ಪೇನಿನ ಲಿನಾರೆಸ್ ಟೂರ್ನಿ ನೋಡಿ. 14 ಜನ, 13 ಸುತ್ತು. ಕಾಸ್ಪರೊವ್, ಆನಂದ್, ಕ್ರಾಮ್ನಿಕ್, ಇವಾನ್ಚುಕ್, ಶಿರೊವ್, ಟೊಪಾಲೊವ್, ಕಾಮ್ಸ್ಕಿ, ಗೆಲ್ಫಾಂಡ್, ಯೂದಿತ್ ಪೋಲ್ಗಾರ್. 42 ವರ್ಷದ ಕಾರ್ಪೊವ್ ಮೊದಲ ಆರೂ ಆಟ ಗೆದ್ರು, ಮುಗಿಸುವಾಗ 11 ಅಂಕ, ಒಂದೂ ಸೋಲಿಲ್ಲ. ಎರಡನೇ ಸ್ಥಾನ ಹಂಚಿಕೊಂಡ ಕಾಸ್ಪರೊವ್, ಶಿರೊವ್‌ಗೆ 8.5. ಕಾರ್ಪೊವ್ ಜನ್ಮದಲ್ಲಿ 2800 ಮುಟ್ಟಲಿಲ್ಲ. ಸಂಖ್ಯೆ ಹಿಡಿದು ಸಾಲು ಹಚ್ಚಿದ್ರೆ ಈ ಟೂರ್ನಿ ನಡೆದೇ ಇಲ್ಲ ಅಂದ ಹಾಗೆ.

ಹಾಗಂತ ಕರುವಾನಾ ಕಡಿಮೆ ಅಂತ ನಾನು ಹೇಳ್ತಿಲ್ಲ, ಅವರಿಗೂ ಪಟ್ಟಿನೇ ನ್ಯಾಯ ಕೊಡೋದು. 2014ರಲ್ಲಿ ಸೇಂಟ್ ಲೂಯಿಸ್‌ನ ಸಿಂಕ್‌ಫೀಲ್ಡ್ ಕಪ್, ಆರು ಜನ, ಹತ್ತು ಸುತ್ತು. ಮೊದಲ ಏಳೂ ಆಟ ಗೆದ್ದು 8.5 ಅಂಕ, ವಿಶ್ವ ಚಾಂಪಿಯನ್ ಕಾರ್ಲ್‌ಸನ್ ಎರಡನೇ ಸ್ಥಾನದಲ್ಲಿ 5.5. ಇದನ್ನ ಬಿಟ್ಟು 2844 ಅಂತೀರಲ್ಲ, ಕರುವಾನಾಗೂ ಅನ್ಯಾಯ ಮಾಡ್ತಿದ್ದೀರಿ!

ಇನ್ನು ರೇಟಿಂಗೇ ಇಲ್ಲದ ಕಾಲದವರು? 1924ರ ನ್ಯೂಯಾರ್ಕಲ್ಲಿ 55 ವರ್ಷದ ಮಾಜಿ ವಿಶ್ವ ಚಾಂಪಿಯನ್ ಲಾಸ್ಕರ್ 20 ಆಟಕ್ಕೆ 16 ತಗೊಂಡು ಆಗಿನ ಚಾಂಪಿಯನ್ ಕಾಪಾಬ್ಲಾಂಕಾ, ಅಲೆಖಿನ್ ಇಬ್ಬರನ್ನೂ ಹಿಂದೆ ಹಾಕಿದ್ರು. ಅಲೆಖಿನ್ 1930ರ ಸಾನ್ ರೆಮೊದಲ್ಲಿ 15ಕ್ಕೆ 14, ಮರುವರ್ಷ ಬ್ಲೆಡ್‌ನಲ್ಲಿ 5.5 ಅಂಕ ಮುಂದೆ. ‘ಆಗಿನ ಎದುರಾಳಿಗಳು ದುರ್ಬಲ’ ಅನ್ನೋರು ಆ ಪಟ್ಟಿಯಲ್ಲಿರೋ ನಿಮ್ಜೊವಿಚ್, ರೂಬಿನ್‌ಸ್ಟೈನ್ ಆಟಗಳನ್ನ ಒಂದು ಸಲ ಬೋರ್ಡ್ ಮೇಲೆ ಇಟ್ಟು ನೋಡಿ ಬನ್ನಿ. ಆಮೇಲೆ ಮಾತಾಡೋಣ.

ಆನಂದ್ ವಿಷಯಕ್ಕಂತೂ ನನಗೆ ಸಿಟ್ಟೇ ಬರುತ್ತೆ. 2000ದಲ್ಲಿ ನಾಕೌಟ್, 2007ರಲ್ಲಿ ಮೆಕ್ಸಿಕೊ ಸಿಟಿಯ ಎಂಟು ಜನರ ಟೂರ್ನಿ, 2008ರಲ್ಲಿ ಬಾನ್‌ನಲ್ಲಿ ಕ್ರಾಮ್ನಿಕ್ ವಿರುದ್ಧ ಪಂದ್ಯ. ಮೂರು ಬಗೆಯಲ್ಲೂ ವಿಶ್ವಪಟ್ಟ! 2013ರಲ್ಲಿ ಕಾರ್ಲ್‌ಸನ್‌ಗೆ ಪಟ್ಟ ಕಳಕೊಂಡು, ಎಲ್ಲರೂ ಮುಗೀತು ಅಂದಾಗ, 44ರ ವಯಸ್ಸಿಗೆ ಖಾಂಟಿ-ಮನ್ಸಿಸ್ಕ್‌ನ ಕ್ಯಾಂಡಿಡೇಟ್ಸ್‌ಗೆ ಹೋದ್ರು. ರೇಟಿಂಗ್ 2770. ಅಲ್ಲಿ ಅರೋನಿಯನ್‌ಗೆ 2830. ಹದಿನಾಲ್ಕು ಸುತ್ತಾದ ಮೇಲೆ ಆನಂದ್ 8.5, ಒಂದೂ ಸೋಲಿಲ್ಲ, ಅರೋನಿಯನ್ 6.5. ಈಗ ಹೇಳಿ, ಸಂಖ್ಯೆ ದೊಡ್ಡದೋ ಪಟ್ಟಿ ದೊಡ್ಡದೋ? ಇಂಥ ಮನುಷ್ಯನನ್ನ 2817 ಅಂತ ಒಂದು ಅಂಕಿಗೆ ಇಳಿಸಿ ಕೂರಿಸ್ತೀರಲ್ಲ!

ಅಂಕಿ ಬೆನ್ನು ಹತ್ತಿದ್ರೆ ಏನಾಗುತ್ತೆ ಅಂತ 2023ರ ಡಿಸೆಂಬರಲ್ಲೇ ಕಂಡ್ವಿ. ರೇಟಿಂಗ್ ಆಧಾರದ ಕ್ಯಾಂಡಿಡೇಟ್ಸ್ ಜಾಗಕ್ಕಾಗಿ ಯುವ ಆಟಗಾರ ಅಲಿರೆಝಾ ಫಿರೂಝಾಗೆ ಫ್ರಾನ್ಸಿನ ಚಾರ್ಟ್ರ್‌ನಲ್ಲಿ ಕಡಿಮೆ ರೇಟಿಂಗಿನವರ ಜೊತೆ ಅವಸರದಲ್ಲಿ ಪಂದ್ಯ ಏರ್ಪಾಡಾಯ್ತು, ಫಿಡೆ ಅದನ್ನ ಲೆಕ್ಕಕ್ಕೆ ತಗೊಳ್ಳಲಿಲ್ಲ, ಆಮೇಲೆ ರುವಾನ್‌ನ ಓಪನ್ ಟೂರ್ನಿಯಲ್ಲಿ ಏಳಕ್ಕೆ ಏಳು ಗೆದ್ದು ಜಾಗ ಹಿಡಿದ್ರು. ಅಂಥ ಪ್ರತಿಭೆ ಇರೋ ಹುಡುಗ ಅದಕ್ಕಾಗಿ ಓಡಾಡಬೇಕಾ? ಪಟ್ಟಿ ನೋಡಿ ಅಂತೀನಿ, ಪಟ್ಟಿ!

‘ಹಾಗಾದ್ರೆ ಕಾರ್ಲ್‌ಸನ್ 2882?’ ಅಂತ ಕೇಳೇ ಕೇಳ್ತೀರಿ. ಬಿಡಿ ಅದನ್ನೂ! ಐದು ವಿಶ್ವಪಟ್ಟ, 125 ಆಟ ಸತತ ಸೋಲಿಲ್ಲದೆ. ಸಾಲದಾ?

ಇನ್ನು ಈ ಚಾನೆಲ್ಲಲ್ಲಿ ಗರಿಷ್ಠ ರೇಟಿಂಗ್ ಹೋಲಿಕೆಯ ಕಾಮೆಂಟಿಗೆ ಉತ್ತರ ಕೊಡಲ್ಲ. ಟೂರ್ನಿ ಹೆಸರು, ವರ್ಷ, ಎಷ್ಟು ಸುತ್ತಿಗೆ ಎಷ್ಟು ಅಂಕ, ಎರಡನೇ ಸ್ಥಾನ ಯಾರು ಅಂತ ಬರೀರಿ, ಪ್ರತಿಯೊಂದನ್ನೂ ಓದ್ತೀನಿ. ಮುಂದಿನ ಸಂಚಿಕೆಯಲ್ಲಿ ಲಿನಾರೆಸ್‌ನ ಕಾರ್ಪೊವ್-ಟೊಪಾಲೊವ್ ಆಟವನ್ನ ನಡೆ ನಡೆಯಾಗಿ ನೋಡೋಣ, ಬೋರ್ಡ್ ಜೋಡಿಸಿಕೊಂಡು ಬನ್ನಿ.